ಹಿಂದಕ್ಕೆ ಹೋಗಲಾರದ ಗಾಡಿ

ಕುವೈತಿನ ಅಬು ಹಲೀಫಾದಿಂದ ಊರಿಗೆ ಹೊರಡುವವರ ಬಸ್ಸುಗಳಲ್ಲಿ ಮಲಗಿ ಹೋಗುವವರಿಗೆ ಜಾಗವಿಲ್ಲ ಎಂದು ಜೋಕಿಮ್ ಹೇಳಿದಾಗ ಬಾಳಕ್ಕ ಸೆರಗನ್ನು ಸೊಂಟಕ್ಕೆ ಸಿಕ್ಕಿಸಿದಳು. ಸೆರಗು ಸೊಂಟಕ್ಕೆ ಹೋಯಿತೆಂದರೆ ಬಾಳಕ್ಕನ ತೀರ್ಮಾನ ಆಯಿತೆಂದೇ ಲೆಕ್ಕ. ಆ ಕಟ್ಟಡದವರಿಗೆಲ್ಲ ಅದು ಗೊತ್ತಿತ್ತು.

"ಬೇಜಾರು ಮಾಡ್ಬೇಡಿ ಬಾಳಕ್ಕ," ಎಂದ ಜೋಕಿಮ್. ಬಸ್ಸುಗಳನ್ನು ಗೊತ್ತು ಮಾಡಿ, ಹತ್ತಾರು ಸಂಸಾರಗಳ ಹೊಣೆ ಹೊತ್ತು ಅವನ ಕಣ್ಣುಗಳು ಕೆಂಪಾಗಿದ್ದವು. "ಇಬ್ಬರು ಕೂರುವ ಸೀಟಿನಲ್ಲಿ ನಾಲ್ಕು ಜನ. ಈರಯ್ಯನವರನ್ನು ಎಲ್ಲಿ ಮಲಗಿಸುದು? ಈಗ ಆಸ್ಪತ್ರೆಯಲ್ಲಿ ಬಿಡುವ. ಜೋರ್ಡಾನಿನ ಅಮ್ಮಾನ್ ಮುಟ್ಟಿದ ಮೇಲೆ ಎಂಬೆಸಿಯವರಿಗೆ ಹೇಳಿ ಕರೆಸುವ."

"ಕಪಾಟ ಬಿಡ ಅನ್ರಿ, ಬಿಡತೇನಿ. ಟೀವಿ ಬಿಡ ಅನ್ರಿ, ಬಿಡತೇನಿ. ಗಂಡನ್ನ ಬಿಟ್ಟ ಹೋಗೂದು ನನಗ ಯಾರೂ ಕಲಿಸಿಲ್ಲ ಜೋಕಿಮಣ್ಣ."

ಇರಾಕಿನ ಸೈನ್ಯ ಕುವೈತಿಗೆ ನುಗ್ಗಿದ ಆಗಸ್ಟಿನ ಆ ಬೆಳಿಗ್ಗೆ, ಗುಂಡಿನ ಸದ್ದು ಕೇಳಿ ಗಾಬರಿಯಲ್ಲಿ ಮೆಟ್ಟಿಲಿಳಿಯುವಾಗ ಈರಯ್ಯ ಜಾರಿ ತೊಡೆಯ ಮೂಳೆ ಮುರಿದುಕೊಂಡಿದ್ದ. ಸೊಂಟದಿಂದ ಪಾದದವರೆಗೆ ಪ್ಲಾಸ್ಟರು. ಕೂರುವಂತಿಲ್ಲ, ಮಲಗಿಯೇ ಇರಬೇಕು. ಈಗ ಸೆಪ್ಟೆಂಬರು ಬಂದಿತ್ತು. ಆಸ್ಪತ್ರೆಗಳಲ್ಲಿ ನರ್ಸುಗಳೇ ಊರಿಗೆ ಹೊರಟು ನಿಂತಿದ್ದರು. ಅಲ್ಲಿ ಬಿಟ್ಟವನು ಮತ್ತೆ ಸಿಗುತ್ತಾನೆಂದು ಬಾಳಕ್ಕ ನಂಬಲಿಲ್ಲ.

"ನಾವು ನಮ್ಮ ಗಾಡ್ಯಾಗ ಬರತೇವಿ. ನೀವು ಎಲ್ಲಿ ಕಾಯ್ತೀರಿ ಅಷ್ಟ ಹೇಳ್ರಿ."

"ಇರಾಕಿನ ಗಡಿ ದಾಟಿದ ಮೇಲೆ ಸಫ್ವಾನ್ ಉಂಟಲ್ಲ, ಅಲ್ಲಿ ಸೂರ್ಯ ಮುಳುಗುವವರೆಗೆ. ಅಲ್ಲಿಂದಾಚೆ ಒಂಟಿ ಗಾಡಿ ಹೋಗುದು ಬೇಡ. ಆದರೆ ನಿಮ್ಮ ಗಾಡಿ ಯಾವುದು?"

ಗಾಡಿ ಫಿಂಟಾಸ್‌ನಲ್ಲಿತ್ತು. ಅವರ ಪರಿಚಯದ ಮುಲ್ಕಿ ಕಡೆಯ ಪುರಂದರ ಪಕ್ಕದ ಆ ಊರಿನ ಕುವೈತಿ ಮನೆಯೊಂದರಲ್ಲಿ ಡ್ರೈವರ್. ಚಳಿಗಾಲದಲ್ಲಿ ಮರುಭೂಮಿಯಲ್ಲಿ ಡೇರೆ ಹಾಕಲು ಹೋಗುವಾಗ ಆ ಮನೆಯವರು ಒಯ್ಯುತ್ತಿದ್ದ ದೊಡ್ಡ ಮೋಟಾರ್‌ಹೋಮ್ ಅಂಗಳದಲ್ಲಿ ನಿಂತಿತ್ತು. ಒಳಗೆ ಒಲೆ, ಕಪಾಟು, ಹಿಂಬದಿಯ ಗಾಜಿನ ಕಿಟಕಿಗೆ ತಾಗಿ ಹಾಸಿಗೆ. ಬಾಳಕ್ಕ ಅದಕ್ಕೆ ನೋಡಿದ ಕೂಡಲೇ ಮನೆಗಾಡಿ ಎಂದು ಹೆಸರಿಟ್ಟಳು. ಯಜಮಾನರು ಸೌದಿಗೆ ಹೊರಡುವಾಗ ಕೀಲಿಯನ್ನು ಪುರಂದರನ ಕೈಗೇ ಕೊಟ್ಟು, ಸೈನಿಕರ ಪಾಲಾಗುವುದಕ್ಕಿಂತ ನಿನಗಾದರೂ ಆಗಲಿ ಎಂದಿದ್ದರು.

ಆದರೆ ಅದರ ನೀರಿನ ತೊಟ್ಟಿ ಬಿರುಕು ಬಿಟ್ಟಿತ್ತು. ಪೆಟ್ರೋಲ್ ಡ್ರಮ್ಮನ್ನು ರೋಗಿಯ ಪಕ್ಕ ಇಡುವಂತಿರಲಿಲ್ಲ. ಮುಂದಿನ ದಾರಿಯಲ್ಲಿ ಎಷ್ಟು ದಿನ ಬಿಸಿಲಲ್ಲಿ ಕಾಯಬೇಕೋ ಯಾರಿಗೆ ಗೊತ್ತು? ನೀರು, ಪೆಟ್ರೋಲ್, ಅಕ್ಕಿ ಹೊರಲು ಅದೇ ಮನೆಯ ಪಿಕಪ್ ಬೇಕೇಬೇಕು. ಗಾಡಿ ಎರಡು, ಓಡಿಸಲು ಬರುವವನು ಪುರಂದರನೊಬ್ಬ.

"ಒಂದಕ್ಕ ಒಂದು ಕಟ್ಟಿ ಎಳಿ," ಎಂದ ಈರಯ್ಯ ಹಾಸಿಗೆಯಿಂದಲೇ. ತೈಲ ಬಾವಿಗಳ ಬಳಿ ಭಾರದ ಸಾಮಾನು ಎಳೆಸುವುದೇ ಅವನ ಕಸುಬಾಗಿತ್ತು. ಅವನನ್ನು ಮನೆಗಾಡಿಗೆ ತಂದು ಮಲಗಿಸಿದ ಮೇಲೆ ಹಿಂಗಿಟಕಿ ತೆರೆಸಿ, ಕತ್ತು ಹೊರಳಿಸಿ, ಒಂದೊಂದನ್ನೂ ಹೇಳಿ ಮಾಡಿಸಿದ. "ಈ ಎಳಿಯೂ ಸಲಾಕಿ, ಟೋ ಬಾರ್, ಸೀದಾ ನಿಲ್ಲಬೇಕು, ಮ್ಯಾಲ ಎತ್ತಬಾರದು, ಕೆಳಗ ಬಾಗಬಾರದು. ಸರಪಳಿ ಎರಡೂ ಕತ್ತರಿ ಹಾಕು. ಬಾರ್ ಕಳಚಿದರ ಆ ಸರಪಳಿನs ಗತಿ. ಪಿಕಪ್ಪಿನ ಗೇರ್ ನ್ಯೂಟ್ರಲ್ಲಿಗೆ ತಾ. ಕೀಲಿ ತಿರುವಿ ಅಲ್ಲೇ ಬಿಡು, ಇಲ್ಲಂದ್ರ ಸ್ಟೇರಿಂಗ್ ಲಾಕ್ ಆಗತೈತಿ."

"ಆಯ್ತು ಈರಯ್ಯಣ್ಣ. ಇನ್ನೆಂತ ಉಂಟು?"

"ಇನ್ನ ಒಂದ ಐತಿ. ಹಿಂದಕ್ಕ ಹೋಗಂಗಿಲ್ಲ. ಇದು ರಿವರ್ಸ್ ಬರೂದಿಲ್ಲ. ಒಂದು ಮಾರು ಹೋದರೂ ಪಿಕಪ್ಪಿನ ಗಾಲಿ ತಿರುಗಿ ಅಡ್ಡ ಬೀಳತೈತಿ. ಎಲ್ಲಿ ನಿಂತರೂ ಮುಂದಕ್ಕ ದಾರಿ ನೋಡಿ ನಿಲ್ಲು."

ಪಿಕಪ್ಪಿನ ಭಾರ ಹಿಂದಿನಿಂದ ದಬ್ಬದಂತೆ ಅದರ ಬ್ರೇಕನ್ನು ಯಾರಾದರೂ ಹಿಡಿಯಬೇಕಿತ್ತು. ಎಂಜಿನ್ ನಿಂತ ಗಾಡಿಯ ಬ್ರೇಕು ಕಲ್ಲಿನಂತೆ, ಮೈಭಾರ ಹಾಕಿ ತುಳಿಯಬೇಕು. ಸೈಕಲ್ಲನ್ನೂ ಹತ್ತದ ಬಾಳಕ್ಕ ಪಿಕಪ್ಪಿನ ಬಾಗಿಲು ತೆಗೆದು ಸ್ಟೇರಿಂಗ್ ಹಿಂದೆ ಕೂತಳು. ಎದುರಿಗೇ ಮನೆಗಾಡಿಯ ಹಿಂಗಿಟಕಿ. ಅದರಾಚೆ ದಿಂಬಿಗೊರಗಿದ ಗಂಡನ ಮುಖ. ನಡುವೆ ಎರಡು ಗಾಜು, ಒಂದು ಕಬ್ಬಿಣದ ಸಲಾಕೆ.

"ಅಂಗೈ ತೋರಿಸಿದರ ತುಳಿ," ಎಂದು ಕೂಗಿದ ಈರಯ್ಯ. "ಮುಷ್ಟಿ ಹಿಡಿದರ ತುಳಿದs ಇರು. ಬೆರಳ ಆಡಿಸಿದರ ಬಿಡು. ತಿಳೀತ?"

"ಮೂವತ್ತ ವರ್ಷ ನಿಮ್ಮ ಮಾರಿ ನೋಡೇನಿ. ಬೆರಳ ಯಾಕ ಬೇಕು?"

"ಯಲ್ಲಾ, ಹೊರಡುವ!" ಎಂದ ಪುರಂದರ. ಎರಡು ಗಾಡಿಗಳೂ ಒಟ್ಟಿಗೆ ಅಂಗಳ ದಾಟಿದವು.

ಹೆದ್ದಾರಿ ಬಿಕೋ ಎನ್ನುತ್ತಿತ್ತು. ಬಲಗಡೆ ಕಟ್ಟಡಗಳ ಸಂದಿನಿಂದ ಸಮುದ್ರ ಮಿಂಚಿ ಮರೆಯಾಗುತ್ತಿತ್ತು. ಅಂಗಡಿಗಳ ಗಾಜು ಒಡೆದು ರಸ್ತೆಯ ತನಕ ಚೆಲ್ಲಿತ್ತು. ಯಾರೋ ಟೈರು ಕಳಚಿಕೊಂಡು ಹೋಗಿದ್ದ ಹೊಸ ಹೊಸ ಕಾರುಗಳು ಹೊಟ್ಟೆ ಊರಿ ಕೂತಿದ್ದವು. ಜಹ್ರಾದ ಕಡೆ ಬರುತ್ತಿದ್ದಂತೆ ಮನೆಗಳು ಮುಗಿದು, ಕಣ್ಣು ಹಾಯುವಷ್ಟು ದೂರ ಬೂದಿಬಣ್ಣದ ಮರಳು ಹರಡಿಕೊಂಡಿತು. ಅದರ ಅಂಚಿನಲ್ಲಿ ಬಿಸಿಗಾಳಿ ನೀರಿನಂತೆ ನಡುಗುತ್ತಿತ್ತು. ಪಿಕಪ್ಪಿನೊಳಗೆ ಕಬ್ಬಿಣ ಮುಟ್ಟಿದರೆ ಕೈ ಸುಡುತ್ತಿತ್ತು. ಬಾಳಕ್ಕ ಒದ್ದೆ ಟವೆಲ್ಲನ್ನು ತಲೆಗೆ ಸುತ್ತಿ, ಗಂಡನ ಕೈಯಿಂದ ಕಣ್ಣು ಕೀಳದೆ ಕೂತಿದ್ದಳು. ಅಂಗೈ ಬಂತು, ತುಳಿದಳು. ಬೆರಳು ಆಡಿತು, ಬಿಟ್ಟಳು. ಮೊದಮೊದಲು ಕುತ್ತಿಗೆ ಮುರಿಯುವಂತೆ ಜಗ್ಗುತ್ತಿದ್ದ ಗಾಡಿ ಜಹ್ರಾ ಬರುವಷ್ಟರಲ್ಲಿ ಕರುವಿನಂತೆ ಹಿಂದೆ ಹಿಂದೆ ಬರತೊಡಗಿತು.

ಜಹ್ರಾ ದಾಟಿದ ಮೇಲೆ ಸುಟ್ಟ ಲಾರಿಗಳು ರಸ್ತೆಗೆ ಅಡ್ಡ ಬಿದ್ದಿದ್ದವು. ಉಳಿದ ವಾಹನಗಳು ಪಕ್ಕದ ಮರಳಿಗೆ ಇಳಿದು ಹೋದ ಗುರುತಿತ್ತು. ಪುರಂದರನೂ ಇಳಿಸಿದ.

ಅರ್ಧ ದಾರಿಯಲ್ಲಿ ಮನೆಗಾಡಿಯ ಮುಂಗಾಲಿ ಹೂತಿತು.

ಪುರಂದರನಿಗೆ ಅಭ್ಯಾಸಬಲ. ಕೈ ತನ್ನಷ್ಟಕ್ಕೇ ರಿವರ್ಸ್ ಗೇರಿಗೆ ಹೋಯಿತು. ಮನೆಗಾಡಿ ಹಿಂದಕ್ಕೆ ಮಿಸುಕಿತು.

ಬಾಳಕ್ಕನ ಕೈಯೊಳಗಿನ ಸ್ಟೇರಿಂಗ್ ಸರ್ರನೆ ತಾನೇ ತಿರುಗಿ ಹೆಬ್ಬೆರಳಿಗೆ ಬಡಿಯಿತು. ಪಿಕಪ್ಪು ಪಕ್ಕಕ್ಕೆ ತಿರುಗಿತು. ಟೋ ಬಾರ್ ಕಿರ್ರೆಂದಿತು.

"ಬಿಡೋ! ಹಿಂದಕ್ಕ ಬರಬ್ಯಾಡೋ!" ಎಂದು ಒಳಗಿನಿಂದ ಈರಯ್ಯ ಗೋಡೆ ಬಡಿದ.

ಗಾಡಿ ನಿಂತಿತು. ಪುರಂದರ ಇಳಿದು ಬಂದು, ಬಾಗಿದ ಸಲಾಕೆ ನೋಡಿ ತಲೆ ಮೇಲೆ ಕೈ ಹೊತ್ತ. "ನನ್ನದು ತಪ್ಪಾಯ್ತು ಮಾರಾಯ್ರೇ. ಹದಿನೈದು ವರ್ಷದ ಕೈ ಇದು, ಕೇಳುದಿಲ್ಲ."

"ಆ ಕೈಗೆ ಈಗ ಸಲಿಕಿ ಕೊಡು, ಕೇಳತೈತಿ," ಎಂದಳು ಬಾಳಕ್ಕ.

ಕೊಂಡಿ ಬಿಚ್ಚಿದರು. ಮನೆಗಾಡಿಯ ಗಾಲಿಗಳ ಗಾಳಿ ಇಳಿಸಿದರು. ಮರಳು ತೋಡಿ, ಪಿಕಪ್ಪಿನ ಹಲಗೆಗಳನ್ನು ಗಾಲಿಯ ಮುಂದೆ ತುರುಕಿದರು. ಮೂರನೆಯ ಸಲ ಮನೆಗಾಡಿ ಗುರುಗುಟ್ಟುತ್ತ ಮೇಲೆದ್ದು, ನಿಲ್ಲದೆ ಡಾಂಬರು ಹತ್ತಿತು. ಪುರಂದರ ಪಿಕಪ್ಪನ್ನೂ ಓಡಿಸಿ ತಂದ. ಬಾಗಿದ ಸಲಾಕೆಯನ್ನು ಕಲ್ಲಿನ ಮೇಲಿಟ್ಟು ಜಾಕಿನ ಹಿಡಿಕೆಯಿಂದ ಬಡಿದು ನೆಟ್ಟಗೆ ಮಾಡಿ, ಮತ್ತೆ ಕೊಂಡಿ ಹಾಕಿದರು. ಈರಯ್ಯ ಕಿಟಕಿಯಿಂದ ನೋಡಿ ನಾಲಗೆ ಲೊಚಗುಟ್ಟಿದ. "ಪೆಟ್ಟ ತಿಂದ ಕಬ್ಬಿಣ. ನಂಬಬ್ಯಾಡ್ರಿ."

ಮುಂದೆ ಮುತ್ಲಾ ದಿಬ್ಬ. ಸಮತಟ್ಟಾದ ಆ ದೇಶದಲ್ಲಿ ಏರು ಎನ್ನುವುದು ಅದೊಂದೇ. ಅದರ ಮೈಯನ್ನು ಕಡಿದು ಮಾಡಿದ ರಸ್ತೆ ಆಕಾಶಕ್ಕೆ ಒರಗಿಸಿದ ಹಲಗೆಯಂತೆ ಕಾಣುತ್ತಿತ್ತು. ಬಲಕ್ಕೆ ತಗ್ಗು, ಅದರಾಚೆ ಕೊಲ್ಲಿಯ ನೀಲಿ.

ಮುಕ್ಕಾಲು ಏರಿದ್ದರು. ಮನೆಗಾಡಿಯ ಮೂತಿಯಿಂದ ಬಿಳಿ ಆವಿ ಚಿಮ್ಮಿತು. ಎಂಜಿನ್ ಕೆಮ್ಮಿ ಸತ್ತಿತು.

ಒಂದು ಗಳಿಗೆ ಎಲ್ಲವೂ ನಿಂತಂತಾಯಿತು. ಆಮೇಲೆ, ಪುರಂದರ ತುಳಿದ ಬ್ರೇಕಿಗೆ ಬಗ್ಗದೆ, ಮನೆಗಾಡಿ ನಿಧಾನವಾಗಿ ಹಿಂದಕ್ಕೆ ಜಾರಿತು.

ಗಾಜಿನಾಚೆ ಮುಷ್ಟಿ ಎದ್ದಿತು.

ಬಾಳಕ್ಕ ಎರಡೂ ಕಾಲುಗಳನ್ನು ಬ್ರೇಕಿನ ಮೇಲಿಟ್ಟಳು. ಬೆನ್ನನ್ನು ಸೀಟಿಗೆ ಒತ್ತಿದಳು. ಹ್ಯಾಂಡ್‌ಬ್ರೇಕನ್ನು ಕಿತ್ತುಬರುವಂತೆ ಎಳೆದಳು. ಸಲಾಕೆ ಹಿಂದೆ ಬಂದು ಪಿಕಪ್ಪಿನ ಎದೆಗೆ ಗುದ್ದಿತು. ಗಾಲಿಗಳು ಕಿರುಚಿದವು. ಒಂದಡಿ. ಇನ್ನೊಂದಡಿ. ಸ್ಟೇರಿಂಗ್ ತಿರುಗದಂತೆ ಅವುಚಿ ಹಿಡಿದಳು.

ನಿಮ್ಮ ಕಾಲು ಮುರಿದೈತಿ, ನನ್ನವು ಮುರಿದಿಲ್ಲ, ಎಂದುಕೊಂಡಳು. ಕಣ್ಣು ಮುಷ್ಟಿಯ ಮೇಲೇ ಇತ್ತು.

ಗಾಡಿಗಳು ನಿಂತವು.

ಪುರಂದರ ಹಾರಿಬಂದು ಒಂದೊಂದೇ ಗಾಲಿಗೆ ಕಲ್ಲು ಕೊಟ್ಟ. "ಬಾಳಕ್ಕಾ, ಬಿಡಬೇಡಿ! ಬಿಡಬೇಡಿ!"

"ಬಿಡಾಕ ಬಂದಿಲ್ಲ ನಾ! ಲಗೂ ಮುಗಿಸು!"

ಕೊನೆಯ ಕಲ್ಲು ಬಿದ್ದ ಮೇಲೂ ಆಕೆಯ ಕಾಲುಗಳು ಬ್ರೇಕಿನಿಂದ ಏಳಲಿಲ್ಲ. ಪುರಂದರ ಬಾಗಿಲು ತೆಗೆದು, ಒಂದೊಂದನ್ನೇ ಹಿಡಿದು ಇಳಿಸಬೇಕಾಯಿತು. ಎಂಜಿನ್ ತಣ್ಣಗಾದ ಮೇಲೆ, ಇನ್ನೂ ಬಿಸಿಯಿದ್ದ ಮುಚ್ಚಳವನ್ನು ಗೋಣಿತಾಟಿನಿಂದ ಹಿಡಿದು ತೆಗೆದು, ಕುಡಿಯುವ ನೀರನ್ನೇ ಸುರಿದರು. ಇದ್ದ ಎರಡು ಡ್ರಮ್ಮು ನೀರಿನಲ್ಲಿ ಒಂದು ಅರ್ಧವಾಯಿತು.

ಗಡಿಯಲ್ಲಿ ಅಬ್ದಲಿಯ ತಪಾಸಣೆ ಠಾಣೆಯ ಬಳಿ ತಲುಪುವಾಗ ಬಿಸಿಲು ಓರೆಯಾಗಿತ್ತು. ಕಾರು, ಲಾರಿ, ಬಸ್ಸುಗಳ ಸಾಲು. ಎರಡು ಕಡೆಯೂ ಮರಳಿನ ಒಡ್ಡು, ನಡುವೆ ಒಂದೇ ದಾರಿ. ಅವರ ಸರದಿ ಬಂದಾಗ ಇರಾಕಿ ಸೈನಿಕನೊಬ್ಬ ಮನೆಗಾಡಿಯನ್ನು ಸುತ್ತಿ ನೋಡಿ, ಪ್ಲಾಸ್ಟರಿಗೆ ಬೆರಳಿನಿಂದ ಕುಟ್ಟಿ, ತಲೆಯಾಡಿಸಿದ. ಆಮೇಲೆ ಪಿಕಪ್ಪಿನ ಬಳಿ ಬಂದು ಡ್ರಮ್ಮುಗಳನ್ನು ಕಂಡ. ಪುರಂದರನಿಗೆ ಅರಬಿಯಲ್ಲಿ ಏನೋ ಹೇಳಿದ.

"ಬಾಳಕ್ಕ," ಎಂದ ಪುರಂದರ ಪಿಕಪ್ಪಿನ ಕಿಟಕಿಯ ಬಳಿ ಬಂದು. "ಪಿಕಪ್ ಇಲ್ಲೇ ಬಿಟ್ಟು ಹೋಗಬೇಕಂತೆ. ನಮ್ಮನ್ನು ಬಿಡ್ತಾನಂತೆ."

"ನೀರು?"

"ಅದೂ."

ಕಿಟಕಿಯಾಚೆ ಈರಯ್ಯನಿಗೂ ಅರ್ಥವಾಗಿತ್ತು. ಅವನು ಬೆರಳು ಆಡಿಸಿದ. ಬಿಡು. ಬಿಟ್ಟು ಬಾ.

ಬಾಳಕ್ಕ ತಲೆ ಅಡ್ಡಡ್ಡ ಆಡಿಸಿದಳು. ಬೆಳಿಗ್ಗೆಯಿಂದ ಆ ಕೈ ಹೇಳಿದ್ದನ್ನೆಲ್ಲ ಮಾಡಿದ್ದಳು. ಇದೊಂದನ್ನು ಮಾಡಲಾರಳು. ಸಫ್ವಾನಿನಿಂದಾಚೆ ಮರಳುಗಾಡಿನಲ್ಲಿ ಆ ಪ್ಲಾಸ್ಟರಿನೊಳಗಿನ ಮೈ ಕುದಿಯುವಾಗ ನೀರನ್ನು ಎಲ್ಲಿಂದ ತರುವುದು? ಅವನನ್ನು ಆಸ್ಪತ್ರೆಯಲ್ಲಿ ಬಿಡುವುದಕ್ಕೂ ಇದಕ್ಕೂ ಏನು ವ್ಯತ್ಯಾಸ?

"ಮಾಫಿ," ಎಂದಳು ಸೈನಿಕನಿಗೆ. ಇಲ್ಲ ಎನ್ನುವ ಆ ಒಂದು ಮಾತು, ಇಷ್ಟು ವರ್ಷ ತರಕಾರಿ ಅಂಗಡಿಯಲ್ಲಿ ಕಲಿತ ಅರಬಿ ಅಷ್ಟೇ. ಮುಂದಿನದು ಅವಳ ಗದಗಿನ ಕನ್ನಡ. "ಇಳಿಯೂದಿಲ್ಲ. ನೀರ ಬೇಕಂದ್ರ ತಂಬಗಿ ತಾ, ಕುಡಿಯಾಕ ಕೊಡತೇನಿ. ಗಾಡಿ ಕೊಡೂದಿಲ್ಲ."

ಸೈನಿಕ ಕೂಗಿದ. ಬಾಳಕ್ಕ ಕದಲಲಿಲ್ಲ. ಅವನು ಮನೆಗಾಡಿಯ ಬಾನೆಟ್ಟನ್ನು ಕೋವಿಯ ಹಿಂಬದಿಯಿಂದ ಕುಟ್ಟಿ, ಬಂದ ದಾರಿಗೆ ಕೈ ತೋರಿಸಿದ. ಹಾಗಾದರೆ ಹಿಂದಕ್ಕೆ ಹೋಗಿ!

"ಹಿಂದೆ ಹೋಗ್ಲಿಕ್ಕೆ ಆಗುದಿಲ್ಲ ಅಂತ ಹೇಳಿದೆ," ಎಂದ ಪುರಂದರ. "ಕೇಳುದಿಲ್ಲ ಇವ. ರಿವರ್ಸ್ ಹಾಕು ಅಂತಾನೆ."

"ಹಾಕು."

"ಬಾರ್ ತುಂಡಾದರೆ?"

"ಹಾಕು ತಮ್ಮಾ. ಕಣ್ಣಾರೆ ನೋಡಲಿ ಇಂವ."

ಪುರಂದರ ಗೇರು ಹಾಕಿದ. ಬಾಳಕ್ಕ ಸ್ಟೇರಿಂಗಿನಿಂದ ಎರಡೂ ಕೈ ತೆಗೆದು ಮಡಿಲಲ್ಲಿಟ್ಟುಕೊಂಡಳು.

ಸ್ಟೇರಿಂಗ್ ಗಿರ್ರನೆ ತಿರುಗಿತು. ಪಿಕಪ್ಪಿನ ಮೂತಿ ಒಂದು ಒಡ್ಡಿಗೆ, ಬಾಲ ಇನ್ನೊಂದು ಒಡ್ಡಿಗೆ ತಾಗಿತು. ಬಾಗಿಲಿಗೆ ಅಗುಳಿ ಹಾಕಿದಂತೆ ಇದ್ದೊಂದು ದಾರಿಗೆ ಅಡ್ಡ ಬಿದ್ದಿತು. ಸಲಾಕೆ ನರಳಿತು. ತುಂಡಾಗಲಿಲ್ಲ.

ಹಿಂದಿದ್ದ ಲಾರಿಯವನು ಹಾರ್ನ್ ಒತ್ತಿದ. ಅವನ ಹಿಂದಿನವನು ಒತ್ತಿದ. ಕಾಣದಷ್ಟು ದೂರದವರೆಗೆ ಹಾರ್ನುಗಳು ಹೊತ್ತಿಕೊಂಡವು. ಬಸ್ಸಿನಿಂದ ಜನ ಇಳಿದು ಬೈಯತೊಡಗಿದರು, ಅರಬಿಯಲ್ಲಿ, ಉರ್ದುವಿನಲ್ಲಿ, ಮಲಯಾಳದಲ್ಲಿ. ಸೈನಿಕ ಕೈಯಿಂದ ಪಿಕಪ್ಪನ್ನು ದಬ್ಬಿ ನೋಡಿದ. ಅದು ಅಲುಗಲಿಲ್ಲ. ಸೈನ್ಯದ ಲಾರಿಯೊಂದು ಆ ಗದ್ದಲದೊಳಗೇ ಸಿಕ್ಕಿಹಾಕಿಕೊಂಡಿತ್ತು.

ಡೇರೆಯಿಂದ ಅಧಿಕಾರಿ ಓಡಿಬಂದ. ಅಡ್ಡಬಿದ್ದ ಗಾಡಿಯನ್ನೂ, ಒಳಗೆ ಕೈಕಟ್ಟಿ ಕೂತ ಹೆಂಗಸನ್ನೂ ನೋಡಿದ. ಬಾಳಕ್ಕ ಎರಡು ಅಂಗೈಗಳನ್ನು ಜೋಡಿಸಿ, ಹಿಂದಕ್ಕೆ ತಳ್ಳಿ, ಮುರಿದುಬೀಳುವಂತೆ ತೋರಿಸಿದಳು. ಆಮೇಲೆ ಒಂದೇ ಬೆರಳಿನಿಂದ ಮುಂದಕ್ಕೆ ತೋರಿಸಿದಳು.

ಅಧಿಕಾರಿ ಹಾರ್ನುಗಳ ನಡುವೆ ಸೈನಿಕನ ಮೇಲೆ ರೇಗಿದ. ಪುರಂದರನ ಕಡೆ ಕೈ ಬೀಸಿದ. "ಯಲ್ಲಾ! ಯಲ್ಲಾ! ಖಲಾಸ್!"

ಮನೆಗಾಡಿ ಮುಂದಕ್ಕೆ ಜಗ್ಗಿತು. ಪಿಕಪ್ಪು ನೆಟ್ಟಗಾಗಿ ಅದರ ಬೆನ್ನಿಗೇ ಹೊರಟಿತು. ಗಾಜಿನಾಚೆ ಈರಯ್ಯ ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದ. ಪ್ಲಾಸ್ಟರು ನೋಯಿಸಿತೋ ಏನೋ, ನಡುನಡುವೆ ಮುಖ ಹಿಂಡುತ್ತಿದ್ದ. ಬಾಳಕ್ಕ ಅವನಿಗೆ ಕಣ್ಣು ದೊಡ್ಡದು ಮಾಡಿದಳು.

ಸಫ್ವಾನಿನಲ್ಲಿ ಸೂರ್ಯ ನೆಲ ಮುಟ್ಟುವಷ್ಟರಲ್ಲಿ ಬಸ್ಸುಗಳು ಕಂಡವು. ಜೋಕಿಮ್ ಡ್ರೈವರುಗಳನ್ನು ಮಾತಿನಲ್ಲಿ ಹಿಡಿದು ನಿಲ್ಲಿಸಿಕೊಂಡಿದ್ದ. ಮಕ್ಕಳ ನೀರು ಆಗಲೇ ಮುಗಿದಿತ್ತು. ಬಾಳಕ್ಕ ತುಂಬಿದ ಡ್ರಮ್ಮಿನ ಮುಚ್ಚಳ ತೆಗೆದಳು.

ಮರುಭೂಮಿಯ ಶಿಬಿರ, ಅಮ್ಮಾನ್, ವಿಮಾನ, ಮುಂಬಯಿ, ರೈಲು. ಗದಗಿನ ನಿಲ್ದಾಣದಲ್ಲಿ ಈರಯ್ಯನನ್ನು ಸ್ಟ್ರೆಚರಿನ ಸಮೇತ ಇಳಿಸಿದಾಗ ಅವನ ಅಣ್ಣ ಓಡಿಬಂದು ತಮ್ಮನ ಕೈ ಹಿಡಿದುಕೊಂಡ. "ಅಂತೂ ಮನಿಯಾಕಿನ್ನ ಜ್ವಾಕಿಂದ ಕರಕೊಂಡ ಬಂದ್ಯಲ್ಲೋ ಈರ್ಯಾ!"

ಬಾಳಕ್ಕ ಗಂಟು ಕೆಳಗಿಟ್ಟಳು. "ಕೇಳ್ರಿ ಭಾವಾರ," ಎಂದಳು. "ಎಳದಾಂವ ಮುಲ್ಕಿಯ ಪುರಂದರ. ತಡದಾಕಿ ನಾ. ಇವರು ಮಲಕೊಂಡ ಬಂದಾರ."

"ಖರೆ," ಎಂದ ಈರಯ್ಯ, ಮಲಗಿದಲ್ಲಿಂದಲೇ.