ನೆರಿಗೆಯಲ್ಲಿ ನಿಂತ ಧೂಳು

ಹನ್ನೊಂದು ವರ್ಷ ಮೆಕ್ಯಾನಿಕ್ ಸೆಲ್ವರಾಜನ ಕೈ ತಾಕದೆ ಒಂದು ಸ್ಕ್ರೂ ಕೂಡ ತಿರುಗದಿದ್ದ ಯಂತ್ರದ ಮುಂದೆ, ಮೊನ್ನೆ ಮೊನ್ನೆ ಬಂದ ಹುಡುಗಿಯೊಬ್ಬಳು ನಿಂತು, "ಇದು ಗಾಳಿ ಸೋಸೋದಲ್ಲ ಬಚ್ಚಪ್ಪಣ್ಣ, ಗಾಳಿ ಕತ್ತು ಹಿಸುಕೋದು" ಎಂದಿದ್ದಳು. ಬಚ್ಚಪ್ಪ ನಕ್ಕುಬಿಟ್ಟಿದ್ದ. ಅವಳ ಮಾತನ್ನು ಸೆಲ್ವರಾಜ್ ಮರೆತರೂ ಮರೆಯುತ್ತಿದ್ದನೇನೋ, ಆ ನಗುವನ್ನು ಮಾತ್ರ ಮರೆಯಲಾರದೆ ಹೋದ.

ಕ್ಯಾಸಂಬಳ್ಳಿಯಿಂದ ಎರಡು ಮೈಲಿ ಆಚೆ, ಹಿಪ್ಪುನೇರಳೆ ತೋಟದ ನಡುವೆ ಬಚ್ಚಪ್ಪನ ಚಾಕಿ ಮನೆ. ರೇಷ್ಮೆ ಮೊಟ್ಟೆ ಒಡೆದು ಬಂದ ಎಳೆ ಹುಳಗಳನ್ನು ಎಂಟು ಹತ್ತು ದಿನ ಮಡಿಲಲ್ಲಿಟ್ಟುಕೊಂಡ ಹಾಗೆ ಸಾಕಿ, ಎರಡನೇ ಜ್ವರ ದಾಟಿದ ಮೇಲೆ ಸುತ್ತಲ ರೈತರಿಗೆ ಒಪ್ಪಿಸುವ ಮನೆ ಅದು. ಪೊರೆ ಬಿಡುವ ಮುನ್ನ ಹುಳ ಮೇವು ಬಿಟ್ಟು, ತಲೆ ಎತ್ತಿ, ಅಲುಗದೆ ಕೂರುತ್ತದಲ್ಲ, ಅದನ್ನೇ ಅಲ್ಲಿ ಜ್ವರ ಎನ್ನುತ್ತಾರೆ. ಆ ಹೊತ್ತಿನಲ್ಲಿ ಶೆಖೆ ಹೆಚ್ಚಾಗಬಾರದು, ತೇವ ನಿಲ್ಲಬಾರದು, ಗಾಳಿ ಆಡುತ್ತಿರಬೇಕು. ಅದಕ್ಕೇ ಆ ಮನೆಗೊಂದು ದೊಡ್ಡ ಯಂತ್ರ. ಚಳಿಗೆ ಬಿಸಿ ಗಾಳಿ, ಬಿಸಿಲಿಗೆ ತಣ್ಣನೆಯ ಗಾಳಿ. ಹೊರಗಿನ ಗಾಳಿ ಒಳಗೆ ಹೋಗುವ ಬಾಯಿಗೆ ಮೊದಲು ಒಂದು ತಂತಿಯ ಜಾಲರಿ, ಅದರ ಹಿಂದೆ ಫಿಲ್ಟರು.

ಬಚ್ಚಪ್ಪನ ಹೆಂಡತಿ ಮಂಗಮ್ಮನಿಗೆ ಅದು ಬರೀ ಯಂತ್ರವಲ್ಲ. ಶುಕ್ರವಾರ ಬಂತೆಂದರೆ ಜಾಲರಿಯನ್ನು ಬಿಚ್ಚಿ ಕಲ್ಲಿನ ತೊಟ್ಟಿಯಲ್ಲಿ ತೊಳೆಯುವಳು, ಯಂತ್ರದ ಹಣೆಗೆ ಕುಂಕುಮ ಇಡುವಳು. ಹುಳದ ಮನೆ ಲಕ್ಷ್ಮಿಯ ಮನೆಯಾದ್ದರಿಂದ ಅಂಗಳದ ತುದಿಯಲ್ಲೇ ಎಲ್ಲರೂ ಚಪ್ಪಲಿ ಬಿಡಬೇಕು.

ಇಷ್ಟು ವರ್ಷ ಅಲ್ಲಿದ್ದದ್ದು ಸೆಲ್ವರಾಜ್ ಆರಿಸಿ ತಂದ ಫಿಲ್ಟರು. ಕಪ್ಪು ಸ್ಪಂಜಿನ ದಪ್ಪ ಹಾಸು. ಎಷ್ಟು ದಪ್ಪವೋ ಅಷ್ಟು ಒಳ್ಳೆಯದು ಎಂಬುದು ಅವನ ನಂಬಿಕೆ. ಎಷ್ಟು ದಿನವಿದ್ದರೂ ಕೊಳೆ ಕಾಣದು. ಆರು ತಿಂಗಳಿಗೊಮ್ಮೆ ಹಿತ್ತಿಲ ಬೇಲಿಗೆ ಬಡಿದು ಮತ್ತೆ ಸಿಕ್ಕಿಸಿದರಾಯಿತು.

ಬಂಗಾರಪೇಟೆಯಲ್ಲಿ ಹೊಸದಾಗಿ ಅಂಗಡಿ ಇಟ್ಟ ಆ ಹುಡುಗಿ ನವ್ಯ ತಂದದ್ದು ಬೇರೆಯೇ. ಚೌಕಟ್ಟಿನೊಳಗೆ ಬಿಳಿ ಬಟ್ಟೆ, ಸೀರೆಯ ನೆರಿಗೆಯ ಹಾಗೆ ಒತ್ತೊತ್ತಾಗಿ ಮಡಿಚಿದ್ದು. ನೆರಿಗೆ ಬಿಡಿಸಿದರೆ ಅಂಗಳದಷ್ಟು ಬಟ್ಟೆ. ಗಾಳಿ ಅಷ್ಟಗಲಕ್ಕೆ ಹರಡಿಕೊಂಡು ಸಲೀಸಾಗಿ ದಾಟುತ್ತದೆ, ಧೂಳು ನಿಲ್ಲುತ್ತದೆ, ಯಂತ್ರ ಏದುಸಿರು ಬಿಡುವುದಿಲ್ಲ ಎಂದು ಅವಳು ವಿವರಿಸಿದ್ದಳು.

"ಬಿಳಿ ಬಟ್ಟೆ ಯಾಕಮ್ಮಾ? ನಾಕು ದಿನಕ್ಕೆ ಕೊಳೆ ಕಾಣ್ತದೆ" ಎಂದು ಸೆಲ್ವರಾಜ್ ಚುಚ್ಚಿದ್ದ.

"ಕಾಣ್ಲಿ ಅಂತಾನೇ, ಸೆಲ್ವಣ್ಣ" ಎಂದಿದ್ದಳು ಅವಳು.

ಬಚ್ಚಪ್ಪ ಇಬ್ಬರ ಮುಖವನ್ನೂ ನೋಡಿ ತೀರ್ಮಾನ ಹೇಳಿದ್ದ. "ಲೇ ಸೆಲ್ವ, ಮೊಕ ಯಾಕ್ಲಾ ಅಂಗೆ ಊದಿಸ್ಕೊಂಡಿದ್ದೀಯ? ಶ್ರಾವಣದ ಗಂಟ ಆಕಿ ನೋಡಾನ. ಕರೆಂಟು ಉಳಿದ್ರೆ ಇನ್ಮೇಲೆ ಮಿಷನ್ನು ಆಯಮ್ಮಂದು. ಇಲ್ದಿದ್ರೆ ನಿನ್ ಕರೀ ಕಂಬಳಿ ಇದ್ದೇ ಅದೆ."

ಕರೆಂಟು ಉಳಿಯಿತು. ದಿನಕ್ಕೆ ಮೂವತ್ತೆಂಟು ಯೂನಿಟ್ ನುಂಗುತ್ತಿದ್ದ ಯಂತ್ರ ಇಪ್ಪತ್ತೊಂಬತ್ತಕ್ಕೆ ಇಳಿಯಿತು. ಒಂದು ಚಾಕಿ ಮನೆ ಹೋದರೆ ಸೆಲ್ವರಾಜ್ ಸಹಿಸುತ್ತಿದ್ದ. ಆದರೆ ಕ್ಯಾಸಂಬಳ್ಳಿಯ ಇನ್ನೆರಡು ಚಾಕಿ ಮನೆಯವರೂ ಬಂಗಾರಪೇಟೆಯ ಮದುವೆ ಮಂಟಪದವರೂ ಬಚ್ಚಪ್ಪನ ಬಾಯಿ ನೋಡುವವರು. ಶ್ರಾವಣ ಬಂದರೆ ತಾನು ಕಟ್ಟಿಕೊಂಡ ಬದುಕು ಪೂರ್ತಿ ಆ ಹುಡುಗಿಯ ಕೈಗೆ. ಯಂತ್ರದ ತಂಪಿನ ಗ್ಯಾಸು, ಪೈಪು ನೋಡಿಕೊಳ್ಳುವ ಕೆಲಸ ಇನ್ನೂ ಅವನದೇ ಆಗಿತ್ತು. ಯಂತ್ರದ ಕೋಣೆಯ ಬೀಗದ ಕೈಯೂ ಅವನ ಬಳಿಯೇ ಇತ್ತು. ಅಲ್ಲಿಂದಲೇ ಅವನ ಯೋಚನೆ ಶುರುವಾಯಿತು.

ಯೋಚನೆ ಸರಳ. ಅಂಥದ್ದೇ ಇನ್ನೊಂದು ಫಿಲ್ಟರನ್ನು ಬೆಂಗಳೂರಿನಿಂದ ತರುವುದು. ಅದರ ನೆರಿಗೆಗಳಿಗೆ ಧೂಳು ತಿನ್ನಿಸಿ ತಿನ್ನಿಸಿ ಉಸಿರು ಕಟ್ಟಿಸುವುದು. ಹುಳ ಎರಡನೇ ಜ್ವರಕ್ಕೆ ಕೂತ ದಿನ ಒಳ್ಳೆಯದನ್ನು ತೆಗೆದು ಅಲ್ಲಿ ಇದನ್ನು ಕೂರಿಸುವುದು. ಮಿಕ್ಕದ್ದನ್ನು ಶೆಖೆ ಮಾಡಿಕೊಳ್ಳುತ್ತದೆ. ಒಂದು ಹಿಡಿ ಹುಳ ಹೋದರೆ ಹೋಗಲಿ; ಆ ಹುಡುಗಿಯ ಫಿಲ್ಟರು ನಮ್ಮ ಕಡೆಯ ಆಷಾಢದ ಗಾಳಿ ತಡೆಯಲಾರದು ಎಂಬುದನ್ನು ಬಚ್ಚಪ್ಪ ಕಣ್ಣಾರೆ ನೋಡಿದರೆ ಸಾಕು.

ಧೂಳಿಗಾಗಿ ಅವನು ಎಲ್ಲಿಗೂ ಹೋಗಬೇಕಿರಲಿಲ್ಲ. ಚಿನ್ನದ ಗಣಿಯಿದ್ದ ಚಾಂಪಿಯನ್ ರೀಫ್ಸ್‌ನ ಕಾರ್ಮಿಕರ ಸಾಲುಮನೆಗಳ ಲೈನಿನಲ್ಲಿ ಅವನ ಮನೆ. ಎದುರಿಗೇ ಗಣಿಯ ಕಾಲದ ಸೈನೈಡ್ ದಿಬ್ಬ. ಚಿನ್ನ ತೆಗೆದು ಬಿಸಾಡಿದ ಕಲ್ಲಿನ ಹಿಟ್ಟು ಬೆಟ್ಟವಾಗಿ ನಿಂತದ್ದು. ಆಷಾಢದ ಗಾಳಿ ಎದ್ದರೆ ಆ ಹಿಟ್ಟು ಅನ್ನದ ತಟ್ಟೆಗೂ ಬರುತ್ತದೆ, ದೇವರ ಗೂಡಿಗೂ ಬರುತ್ತದೆ. ಸೆಲ್ವರಾಜ್ ಹುಟ್ಟಿ ಕಣ್ಣು ಬಿಟ್ಟಾಗಲೇ ಕಂಡದ್ದು ಅದು. ಅದನ್ನು ಅವನು ನೋಡುವುದನ್ನೇ ಬಿಟ್ಟು ಎಷ್ಟೋ ಕಾಲವಾಗಿತ್ತು. ಬೆಂಗಳೂರಿನಿಂದ ತಂದ ಫಿಲ್ಟರನ್ನು ಕಿಟಕಿಗೆ ಕಟ್ಟಿ, ಹೊರಗಿನ ಗಾಳಿ ಎಳೆಯುವಂತೆ ಹಿಂದೆ ಟೇಬಲ್ ಫ್ಯಾನು ತಿರುಗಿಸಿಟ್ಟ.

ತಾಯಿ ಕನಕಮ್ಮ ಗಂಡ ಪೆರುಮಾಳನ ಪಟವನ್ನು ಸೆರಗಿನಿಂದ ಒರೆಸುತ್ತ ನೋಡಿದಳು. ಪೆರುಮಾಳ್ ಮೂವತ್ತು ವರ್ಷ ಗಣಿಯೊಳಗಿದ್ದು, ಕೊನೆಗೆ ಎದೆಯಲ್ಲಿ ಅದೇ ಹಿಟ್ಟು ತುಂಬಿಕೊಂಡು ಹೋದವನು. ಪಟದ ಗಾಜಿನ ಮೇಲಿನ ಬೂದಿಯಂಥ ಪದರ ಅವಳು ಒರೆಸಿದಷ್ಟೂ ಮತ್ತೆ ಕೂರುತ್ತಿತ್ತು.

"ಏನ್ ಡಾ ಕಣ್ಣಾ ಇದು? ಧೂಳು ಒಳಗೆ ಬರಬಾರ್ದು ಅಂತ ನಿಮ್ಮಪ್ಪಂಗೋಸ್ಕರ ಕಿಟಕಿಗೆಲ್ಲ ಒದ್ದೆ ಗೋಣಿ ಕಟ್ತಿದ್ದೆ. ನೀನು ಫ್ಯಾನ್ ಇಟ್ಟು ಊಟಕ್ಕೆ ಕರೀತಿದ್ದೀಯಾ?"

"ಟೆಸ್ಟಿಂಗ್ ಅಮ್ಮಾ. ಕಂಪನಿ ಕೆಲಸ."

"ಯಾವ ಕಂಪನಿ?"

ಅವನು ಫ್ಯಾನಿನ ವೇಗ ಹೆಚ್ಚಿಸಿದ. ಇವಳಿಗೇಕೆ ಇಷ್ಟು ಕೇಳುವ ಹುಚ್ಚು ಎಂದುಕೊಂಡ. ಆ ದಿನದಿಂದ ಅವನಿಗೆ ಎಲ್ಲರೂ ಕೇಳುವವರಂತೆಯೇ ಕಾಣತೊಡಗಿದರು. ಪಕ್ಕದ ಊರಿಗಾಂನ ಟೀ ಅಂಗಡಿಯವನು "ಏನ್ ಸೆಲ್ವಾ, ಕ್ಯಾಸಂಬಳ್ಳಿ ಕಡೆ ಜಾಸ್ತಿ ಓಡಾಟ?" ಎಂದರೆ ಟೀಯನ್ನು ಅರ್ಧಕ್ಕೇ ಬಿಟ್ಟು ಎದ್ದ. ಬೆಂಗಳೂರಿಗೆ ಹೋಗಿದ್ದೇಕೆಂದು ಪಕ್ಕದ ಮನೆಯವನು ಕೇಳಿದ್ದನ್ನು ಮೂರು ದಿನ ಮೆಲುಕು ಹಾಕಿದ. ದೇವರೊಬ್ಬನ ಹೊರತು ಮಿಕ್ಕವರೆಲ್ಲರ ಕಣ್ಣಿಗೂ ಅವನು ಹೆದರಿದ.

ಹೆದರಿಕೆ ಅವನನ್ನು ಇನ್ನಷ್ಟು ಜಾಣನನ್ನಾಗಿ ಮಾಡಿತು. ಗ್ಯಾಸು ನೋಡುವ ನೆಪದಲ್ಲಿ ಹೋದಾಗ ಯಂತ್ರದಲ್ಲಿದ್ದ ನವ್ಯಳ ಫಿಲ್ಟರಿನ ಚೌಕಟ್ಟನ್ನು ಕಣ್ಣಲ್ಲೇ ಅಳೆದುಕೊಂಡು ಬಂದ. ಮೇಲಂಚಿನಲ್ಲಿ ನವ್ಯ ಪೆನ್ಸಿಲಿನಿಂದ ಬರೆದ ತಾರೀಖು. ಅದರಲ್ಲಿ ಅವಳ ಏಳರ ಅಂಕಿ ಸ್ವಲ್ಪ ಬಾಗಿತ್ತು. ಬಲಗಡೆಯ ಮೂಲೆಯಲ್ಲೊಂದು ನಗ್ಗು. ನಡುವೆ ಮಂಗಮ್ಮ ಮೊದಲ ದಿನ ಇಟ್ಟ ಕುಂಕುಮ. ತಾರೀಖನ್ನು ಮನೆಯಲ್ಲಿ ಇಪ್ಪತ್ತು ಸಲ ಬರೆದು ಕಲಿತ. ನಗ್ಗನ್ನು ಸುತ್ತಿಗೆಯ ಹಿಡಿಯಿಂದ ಮಾಡಿದ. ಕುಂಕುಮಕ್ಕೆ ಮಾತ್ರ ಬಹಳ ಪಾಡುಪಟ್ಟ. ಊರಿಗಾಂನಲ್ಲಿ ಸಿಕ್ಕಿದ್ದು ಕಡುಗೆಂಪು, ಮಂಗಮ್ಮನದು ಅರಿಸಿನದ ಛಾಯೆಯಿದ್ದ ಕೆಂಪು. ಎರಡು ಸಂತೆ ತಿರುಗಿ, ಕೊನೆಗೆ ಕ್ಯಾಸಂಬಳ್ಳಿಯ ದೇವಸ್ಥಾನದ ಮುಂದಿನ ಮುದುಕಿಯ ಹತ್ತಿರ ಅದೇ ಬಣ್ಣ ಸಿಕ್ಕಿತು. ಮಂಗಮ್ಮ ಹರಳೆಣ್ಣೆಯಲ್ಲಿ ಕಲಸುವುದನ್ನು ನೋಡಿದ್ದ. ತಾನೂ ಹರಳೆಣ್ಣೆಯಲ್ಲೇ ಕಲಸಿ, ಉಂಗುರದ ಬೆರಳಿನಿಂದಲೇ ಇಟ್ಟ. ದೂರ ನಿಂತು ನೋಡಿದ. ಮಂಗಮ್ಮನೇ ಬಂದು ಇಟ್ಟು ಹೋದ ಹಾಗಿತ್ತು.

ಮೂರು ವಾರಕ್ಕೆ ನೆರಿಗೆಗಳು ಭರ್ತಿಯಾದವು. ಬಾಯಿಟ್ಟು ಊದಿದರೆ ಆಚೆ ಕಡೆ ಹಿಡಿದ ಬೀಡಿಯ ಹೊಗೆ ಅಲುಗಲಿಲ್ಲ.

ಅಂದು ಮಂಗಳವಾರ ಮಧ್ಯಾಹ್ನ. ಬಚ್ಚಪ್ಪ ಹಾಲಿನ ಡೇರಿಯ ಸಭೆಗೆ ಹೋಗಿದ್ದ. ಸೆಲ್ವರಾಜ್ ಅಂಗಳದ ತುದಿಯಲ್ಲಿ ಚಪ್ಪಲಿ ಬಿಟ್ಟು, ರಟ್ಟಿನ ಡಬ್ಬ ಹೊತ್ತು ಒಳಗೆ ನಡೆದ. ಜಗುಲಿಯಲ್ಲಿ ಮಂಗಮ್ಮ ಸಾರಿಗೆ ಸೊಪ್ಪು ಹೆಚ್ಚುತ್ತಿದ್ದಳು. ಕತ್ತಿಯ ಸದ್ದು ನಿಂತಿತು.

"ಇಷ್ಟು ದೊಡ್ಡ ಡಬ್ಬ ಯಾಕಪ್ಪ?"

"ಗ್ಯಾಸ್ ಪೈಪು ಅಕ್ಕ. ಹಳೇದು ಸೋರ್ತಾ ಅದೆ."

"ಬೇಗ ಮಾಡ್ಕೊಂಡು ಓಗಪ್ಪ. ಹುಳ ಜ್ವರಕ್ಕೆ ಕೂತವೆ, ಸದ್ದು ಮಾಡ್ಬೇಡ."

ಕತ್ತಿಯ ಸದ್ದು ಮತ್ತೆ ಶುರುವಾಗುವವರೆಗೂ ಅವನು ಉಸಿರು ಹಿಡಿದಿದ್ದ. ಕೋಣೆಯೊಳಗೆ ಕೆಲಸ ಆರು ನಿಮಿಷದ್ದು. ಒಳ್ಳೆಯ ಫಿಲ್ಟರನ್ನು ಎಳೆದವನೇ ಕಪ್ಪು ಪ್ಲಾಸ್ಟಿಕ್ ಚೀಲಕ್ಕೆ ಇಳಿಸಿ ಬಾಯಿ ಕಟ್ಟಿದ. ಅದನ್ನು ನೋಡುತ್ತ ಕೂರಲು ಅವನಿಗೆ ಪುರುಸೊತ್ತಿರಲಿಲ್ಲ. ತನ್ನದನ್ನು ಕೂರಿಸಿದ, ಕ್ಲಿಪ್ಪು ಹಾಕಿದ, ಮುಟ್ಟಿದ ಕಡೆಯೆಲ್ಲ ಬಟ್ಟೆಯಿಂದ ಒರೆಸಿದ. ಹೊರಡುವಾಗ ಗಾಜಿನ ಕಿಂಡಿಯಾಚೆ ತಟ್ಟೆ ತಟ್ಟೆಯ ತುಂಬ ಹುಳಗಳು ಕಂಡವು. ಅಕ್ಕಿಕಾಳಿಗಿಂತ ಒಂದಿಷ್ಟು ಉದ್ದದವು, ಸಾವಿರ ಸಾವಿರ, ಎಲ್ಲವೂ ತಲೆಯೆತ್ತಿ ಯಾರನ್ನೋ ಬೇಡಿಕೊಳ್ಳುವ ಹಾಗೆ ಕೂತಿದ್ದವು. ಅವನು ಮುಖ ತಿರುಗಿಸಿದ.

ಆ ಸಂಜೆ ಕಪ್ಪು ಚೀಲ ಚಾಂಪಿಯನ್ ರೀಫ್ಸ್‌ನ ಹಳೆಯ ಗಣಿಬಾವಿಯೊಂದರ ಮುರಿದ ಕಂಬಿಗಳ ಸಂದಿನಿಂದ ಕೆಳಗಿಳಿಯಿತು. ಬಿದ್ದ ಸದ್ದು ಕೂಡ ಮೇಲೆ ಬರಲಿಲ್ಲ. ಅಪ್ಪ ಇಳಿಯುತ್ತಿದ್ದ ಬಾವಿ ಅದು. ಅಲ್ಲಿಗೆ ಹೋದದ್ದನ್ನು ಇನ್ನು ಯಾರೂ ಎತ್ತಿ ತರುವುದಿಲ್ಲ ಎಂದು ಅವನು ನೆಮ್ಮದಿಯಿಂದ ಮನೆಗೆ ಬಂದು ಕೈಕಾಲು ತೊಳೆದ.

ಗುರುವಾರ ಬಚ್ಚಪ್ಪನ ಫೋನು ಬಂತು. ದನಿ ಇಳಿದುಹೋಗಿತ್ತು. "ಸೆಲ್ವ, ಬಂದ್ಬುಡ್ಲಾ. ಹುಳ ಜ್ವರದಿಂದ ಏಳ್ತಿಲ್ಲ. ಅರ್ಧಕ್ಕರ್ಧ ಕೊಳ್ತೋಯ್ತಾ ಅವೆ. ಆಯಮ್ಮನ್ನೂ ಕರ್ಸಿದ್ದೀನಿ."

ಒಂದು ಹಿಡಿ ಎಂದುಕೊಂಡಿದ್ದು ಅರ್ಧಕ್ಕರ್ಧ ಆಗಿತ್ತು. ದಾರಿಯುದ್ದಕ್ಕೂ ಆ ಲೆಕ್ಕವೇ ಅವನ ತಲೆಯಲ್ಲಿ ತಿರುಗಿತು. ಆದರೆ ಅಂಗಳದಲ್ಲಿ ಕಾಲಿಡುವ ಹೊತ್ತಿಗೆ ಮುಖವನ್ನು ಸರಿಮಾಡಿಕೊಂಡಿದ್ದ. ಮಳೆ ಕಾಣದ ಅಂಗಳದಲ್ಲಿ ಗಾಳಿ ಸುಳಿ ಸುಳಿಯಾಗಿ ಮಣ್ಣೆಬ್ಬಿಸುತ್ತಿತ್ತು. ಚಪ್ಪಲಿ ಬಿಟ್ಟು, ಆ ಮಣ್ಣಿನಲ್ಲೇ ನಡೆದು ಹೋದ.

ಯಂತ್ರ ಒಂದೇ ಸಮ ಒರಲುತ್ತಿತ್ತು. ಗಾಳಿ ಮಾತ್ರ ಬರುತ್ತಿರಲಿಲ್ಲ. ನವ್ಯ ಮುಂದೆ ಬಂದಾಗ ಅವನು ಎರಡು ಹೆಜ್ಜೆ ಹಿಂದೆ ಸರಿದ. "ನಾನು ಮುಟ್ಟಲ್ಲ. ಆಮೇಲೆ ಸೆಲ್ವನೇ ಏನೋ ಮಾಡ್ದ ಅಂತೀರಿ. ನಿಂದು ನೀನೇ ತೆಗಿಯಮ್ಮಾ."

ಅವಳು ತೆಗೆದಳು. ನೆರಿಗೆಗಳು ಹಿಟ್ಟು ಮೆತ್ತಿದ ಹಾಗೆ ಮುಚ್ಚಿಹೋಗಿದ್ದವು. ಚೌಕಟ್ಟನ್ನು ಹಿಂದೆ ಮುಂದೆ ತಿರುಗಿಸಿ, ತಾರೀಖು ಓದಿ, ಸಣ್ಣ ದನಿಯಲ್ಲಿ ಹೇಳಿದಳು. "ನನ್ನ ಅಕ್ಷರಾನೇ. ಆದ್ರೆ ಇಷ್ಟು ಬೇಗ ಹಿಂಗೆ ಆಗಕ್ಕಾಗಲ್ಲ, ಬಚ್ಚಪ್ಪಣ್ಣ. ಹೋದ ತಿಂಗಳು ನಾನೇ ನೋಡಿದ್ದೆ."

"ಆಗಕ್ಕಾಗಲ್ಲ ಅಂದ್ರೆ? ಕಣ್ಮುಂದೆ ಆಗೈತಲ್ಲ" ಎಂದ ಬಚ್ಚಪ್ಪ. "ನಿನ್ ಮಾತು ಕೇಳಿ ಊರೋರ ಹುಳಾನೆಲ್ಲ ಸಾಯಿಸ್ಬುಟ್ನಲ್ಲಮ್ಮಾ. ಸೆಲ್ವ, ನಿನ್ ಕಂಬಳೀನೇ ತಂದಾಕ್ಲಾ. ಇನ್ಮೇಲೆ ಈ ಮಿಷನ್ನಿಗೆ ಬೇರೆ ಯಾರ ಕೈನೂ ಬ್ಯಾಡ."

"ಹೊಸದು ಬಂತು ಅಂದ ತಕ್ಷಣ ನಂಬಬಾರ್ದು ಅಣ್ಣ. ಅದುನ್ನೇ ಅವತ್ತು ಯೋಳ್ದೆ" ಎಂದ ಸೆಲ್ವರಾಜ್, ತಲೆ ತಗ್ಗಿಸಿ, ದುಃಖದವನಂತೆ. ನವ್ಯಳ ಕಣ್ಣಲ್ಲಿ ನೀರು ನಿಂತದ್ದನ್ನು ಓರೆಗಣ್ಣಿನಲ್ಲೇ ಕಂಡ. ಹನ್ನೊಂದು ವರ್ಷದ ಯಂತ್ರ ಮತ್ತೆ ತನ್ನದಾಗಿತ್ತು.

ಮಂಗಮ್ಮ ಅಷ್ಟು ಹೊತ್ತೂ ಬಾಗಿಲಿಗೆ ಒರಗಿ ನಿಂತಿದ್ದಳು. ಸತ್ತ ಹುಳಗಳನ್ನು ಮೊರಕ್ಕೆ ತುಂಬಿ ತುಂಬಿ ಅವಳ ಕೈ ಸೋತಿತ್ತು. ಈಗ ಬಂದು ಫಿಲ್ಟರಿನ ಮುಂದೆ ಕೂತು, ತಾನಿಟ್ಟ ಕುಂಕುಮವನ್ನು ನೋಡಿದಳು; ಅದರಲ್ಲಿ ಅವಳಿಗೆ ಯಾವ ಅನುಮಾನವೂ ಬರಲಿಲ್ಲ. ಆಮೇಲೆ ಒಂದು ನೆರಿಗೆಯೊಳಗೆ ಬೆರಳಿಟ್ಟು ಎಳೆದು, ಬೆರಳನ್ನು ಅಂಗೈಗೆ ಉಜ್ಜಿದಳು. ಅಂಗೈಯಲ್ಲಿ ವಿಭೂತಿಯಂತೆ ಬಿಳಿಚಿಕೊಂಡ ಬೂದಿಬಣ್ಣ ಹರಡಿತು. "ಸೆಲ್ವ," ಎಂದಳು ನಿಧಾನಕ್ಕೆ, "ಶುಕ್ರವಾರ ಶುಕ್ರವಾರ ಇದರ ಮುಂದಲ ಜಾಲರಿ ತೊಳೆಯೋಳು ನಾನು. ತೊಟ್ಟಿ ನೀರು ರಕ್ತದಂಗೆ ಕೆಂಪಗೆ ಅರೀತದೆ. ಈ ಬಿಳೀ ಧೂಳು ನಮ್ಮೂರಾಗೆ ಎಲ್ಲೈತಪ್ಪ?" ನವ್ಯ ತಲೆ ಎತ್ತಿದಳು, ಬಚ್ಚಪ್ಪ ನಿಧಾನವಾಗಿ ಇತ್ತ ತಿರುಗಿದ. ಸೆಲ್ವರಾಜ್ ಅವರ ಕಣ್ಣು ತಪ್ಪಿಸಲೆಂದು ನೆಲ ನೋಡಿದ. ಅಂಗಳ ದಾಟಿ ಬರಿಗಾಲಲ್ಲಿ ಬಂದಿದ್ದ ಅವನ ಎರಡು ಪಾದಗಳೂ ಕ್ಯಾಸಂಬಳ್ಳಿಯ ಮಣ್ಣು ಮೆತ್ತಿಕೊಂಡು, ಹಿಮ್ಮಡಿಯಿಂದ ಬೆರಳ ತುದಿಯವರೆಗೆ, ಕೆಂಪಗಿದ್ದವು.