ಚಿಂಪಾಂಜಿಯ ಕಣ್ಣು

"ನಿನ್ನ ಓದು ಏನು ಅಂತ ಯಾರೇ ಕೇಳಲಿ, ನಾಚಿಕೊಳ್ಳದೆ ಪೂರ್ತಿ ಹೇಳ್ತೀನಿ," ಎಂದು ಜೀವನ್ ಗಾನವಿಗೆ ಮಾತು ಕೊಟ್ಟಿದ್ದು 2003ರಲ್ಲಿ, ಮೆಲ್ಬರ್ನ್‌ನ ಒಂದು ಟ್ರ್ಯಾಮ್‌ನಲ್ಲಿ. ಅದಕ್ಕೆ ಮುಂಚೆ ಅವಳನ್ನು ನೋಡಿ ಒಪ್ಪಿದ್ದ ಬೇರೊಂದು ಗಂಡಿನ ಕಡೆಯವರು ಅವಳ ಪಿಎಚ್‌ಡಿ ವಿಷಯ ಕೇಳಿದ್ದೇ ತಡ, ಫೋನ್ ಎತ್ತುವುದನ್ನೇ ಬಿಟ್ಟಿದ್ದರು.

ವಿಷಯ ಇಷ್ಟೇ: ಗೊರಿಲ್ಲಾ, ಚಿಂಪಾಂಜಿ, ಮನುಷ್ಯ, ಇವರ ಜನನಾಂಗಗಳ ಹೋಲಿಕೆ.

ನಾಲ್ಕು ವರ್ಷ ಕಳೆಯಿತು. ಜೀವನ್‌ಗೆ ಸಿಡ್ನಿಯ ಚಾಟ್ಸ್‌ವುಡ್‌ನಲ್ಲಿ ಕೆಲಸ, ಕೆಲ್ಲಿವಿಲ್‌ನಲ್ಲಿ ರೆಂಟ್ ಮನೆ. ಮಂಡ್ಯದಿಂದ ಅವನ ತಾಯಿ ಲಕ್ಷ್ಮಮ್ಮ ಬಂದಿದ್ದರು. ಅವರು ಹೂಂ ಅಂದರೆ ಮದುವೆ. ಗಾನವಿ ಮೆಲ್ಬರ್ನ್‌ನಿಂದ ಬೆಳಗಿನ ಫ್ಲೈಟ್ ಹಿಡಿದು ಬಂದಳು.

"ಅಮ್ಮಂಗೆ ಹೇಳಿದ್ದೀಯ ತಾನೆ?" ಕಾರಿನಲ್ಲಿ ಕೇಳಿದಳು.

"ಎಲ್ಲಾ ಹೇಳಿದ್ದೀನಿ," ಅಂದ, ರಸ್ತೆ ನೋಡುತ್ತಾ.

ಊಟಕ್ಕೆ ಪಕ್ಕದ ಬೀದಿಯ ರಾಜಣ್ಣ ಅಂಕಲ್ ಕೂಡ ಇದ್ದರು. ಲಕ್ಷ್ಮಮ್ಮ ಮುದ್ದೆ ಇಟ್ಟು, ಸಾರು ಬಿಡುತ್ತಾ ಕೇಳಿದರು:

"ಅಲ್ಲ ಕಣವ್ವ, ಕೋತಿ ಕಣ್ಣು ನೋಡಕ್ಕೆ ಇಷ್ಟು ವರ್ಷ ಓದ್ಬೇಕಾ?"

"ಕಣ್ಣಾ?"

"ನಮ್ ಜೀವ ಹೇಳ್ದ. ಅವುಕ್ಕೂ ನಮಗೂ ಕಣ್ಣು ಹೋಲ್ಸಿ ನೋಡ್ತೀಯಂತೆ."

ಗಾನವಿ ಜೀವನ್‌ನ ಕಡೆ ತಿರುಗಿದಳು. ಅವನ ಕಿವಿ ಕೆಂಪಾಗಿತ್ತು. ಟ್ರ್ಯಾಮ್‌ನಲ್ಲೂ ಹೀಗೇ ಕೆಂಪಾಗಿತ್ತು. ಅವಳು ಮನಸೋತಿದ್ದೇ ಆ ಕಿವಿಗೆ.

"ನಾನು ಹೊರಡ್ತೀನಿ," ಎಂದು ಎದ್ದಳು, ಅವನಿಗಷ್ಟೇ ಕೇಳುವಂತೆ. "ಬಚ್ಚಿಟ್ಕೊಂಡು ಬಾಳೋದಕ್ಕಿಂತ ಆ ಫೋನ್ ಎತ್ತದವರೇ ವಾಸಿ."

"ಅಮ್ಮಾ," ಜೀವನ್ ತಟ್ಟೆ ಸರಿಸಿದ. "ಕಣ್ಣಲ್ಲ. ನಾನು ಸುಳ್ಳು ಹೇಳ್ದೆ. ಗರ್ಭಕೋಶ, ವೃಷಣ, ಅವೆಲ್ಲ."

ರಾಜಣ್ಣ ಅಂಕಲ್‌ಗೆ ಸಾರು ನೆತ್ತಿಗೇರಿತು.

"ಬೀಜ ಅನ್ನು," ಎಂದರು ಲಕ್ಷ್ಮಮ್ಮ. "ಏನಾಯ್ತೀಗ ಅದುಕ್ಕೆ?"

"ಚಿಂಪಾಂಜಿದು ದಪ್ಪ," ಎಂದ ಜೀವನ್. "ಒಂದು ಹೆಣ್ಣಿಗೆ ಸುಮಾರು ಗಂಡು, ಭಾರಿ ಪೈಪೋಟಿ. ಗೊರಿಲ್ಲಾ ಅಷ್ಟು ದೊಡ್ಡ ಮೈ, ಅದರದ್ದು ಚಿಕ್ಕದು. ಗುಂಪಿಗೆ ಒಂದೇ ಯಜಮಾನ, ಪೈಪೋಟಿನೇ ಇಲ್ಲ."

"ಮನುಷ್ಯರದ್ದು?"

ಜೀವನ್ ಗಾನವಿಯ ಮುಖ ನೋಡಿದ. ಪರೀಕ್ಷೆಯಲ್ಲಿ ಕೊನೇ ಪ್ರಶ್ನೆಯ ಉತ್ತರ ಮರೆತವನ ಹಾಗೆ.

"ನಡುವೆ," ಎಂದಳು ಅವಳು. "ಗೊರಿಲ್ಲಾ ಕಡೆಗೇ ಜಾಸ್ತಿ, ಆಂಟಿ."

"ಅದುಕ್ಕೆ ಹೆಂಡ್ತೀರು ಎಷ್ಟು?"

"ಮೂರ್ನಾಲ್ಕು."

ಲಕ್ಷ್ಮಮ್ಮ ಸೌಟನ್ನು ಮಗನ ಕಡೆ ತೋರಿಸಿದರು. "ಆ ಬುದ್ಧಿ ಒಂದು ನಿಂಗೆ ಬ್ಯಾಡ ಕಣ್ಲಾ." ಆಮೇಲೆ ಗಾನವಿಯ ಮುದ್ದೆಗೆ ತುಪ್ಪ ಹಾಕಿದರು. "ಕೂತ್ಕೊಳವ್ವ, ಆರೋಯ್ತದೆ. ನಂದೇನೂ ಅಡ್ಡಿ ಇಲ್ಲ. ಸುಳ್ಳು ಹೇಳೋನ್ನ ಕಟ್ಕೊಳ್ಳೋದು ಬಿಡೋದು ನಿನ್ನಿಷ್ಟ."

ಗಾನವಿ ಕೂತಳು. ಮೇಜಿನ ಕೆಳಗೆ ಅವನ ಪಾದ ಅವಳ ಪಾದಕ್ಕೆ ತಾಕಿತು. ಹಿಂದಕ್ಕೆಳೆದುಕೊಂಡಳು. ಅರ್ಧ ಮುದ್ದೆ ಮುಗಿದ ಮೇಲೆ ಪಾದವನ್ನು ಮತ್ತೆ ಅಲ್ಲೇ ತಂದಿಟ್ಟಳು.

ನಾಚಿಕೊಳ್ಳದೆ ಹೇಳ್ತೀನಿ ಅಂದಿದ್ದ. ನಾಚಿಕೊಂಡೇ ಹೇಳಿದ. ಆದರೆ ಪೂರ್ತಿ ಹೇಳಿದ. ಮಾತು ಉಳಿಯಿತು.