ಕುಂದಾದ್ರಿಯಲ್ಲಿ ಕದ್ದ ಎರಡು ಗಂಟೆ

"ರೀ, ಆ ರಕ್ತ ಒರೆಸ್ಕೊಳ್ಳಿ."

ಬಂಡೆಯ ಮೇಲೆ ಕೂತು ಏದುಸಿರು ಬಿಡುತ್ತಿದ್ದವನು ತಲೆಯೆತ್ತಿ ನೋಡಿದ.

"ಹಿಂದಿನ ಶಾಟಲ್ಲಿ ನಿಮ್ಮ ಹುಬ್ಬಿನ ಮೇಲೆ ಏನೂ ಇರ್ಲಿಲ್ಲ. ನನ್ನ ಹತ್ರ ಫೋಟೋ ಇದೆ. ಮೇಕಪ್ಪಿನವರು ಯಾಕೆ ಹಚ್ಚಿದ್ರೋ…"

"ಒರೆಸಿದ್ರೆ ನಿಲ್ಲಲ್ಲ ಮೇಡಂ," ಎಂದ ಅವನು ಮೆಲ್ಲಗೆ. "ಇದು ಮೇಕಪ್ಪಲ್ಲ. ನಂದೇ."

ಹೇಮಶ್ರೀಯ ಕೈಯಲ್ಲಿದ್ದ ನೋಟ್‌ಬುಕ್ ಜಾರಿತು. ಓಡುವ ದೃಶ್ಯದಲ್ಲಿ ಅವನು ನಿಜವಾಗಿಯೂ ಬಿದ್ದಿದ್ದ. ನಟನೆ ಚೆನ್ನಾಗಿ ಬಂತೆಂದು ಎಲ್ಲರೂ ಚಪ್ಪಾಳೆ ತಟ್ಟಿದ್ದರು!

ಅವಳು ತನ್ನ ದುಪಟ್ಟಾದ ತುದಿಯನ್ನು ಮಡಚಿ ಅವನ ಹುಬ್ಬಿಗೆ ಒತ್ತಿ ಹಿಡಿದಳು. ಬೆರಳು ನಡುಗುತ್ತಿದ್ದವು.

"ಗಾಯ ಆಗಿರೋದು ನಂಗೆ. ನೀವ್ಯಾಕೆ ನಡುಗ್ತೀರ?" ಎಂದ.

ಅವನ ಹೆಸರು ಲೋಹಿತ್. ಮಾಚೇನಹಳ್ಳಿಯ ಒಂದು ಸಣ್ಣ ವರ್ಕ್‌ಶಾಪಿನಲ್ಲಿ ಲೇತ್ ಆಪರೇಟರ್. ಭಾನುವಾರ ಮಾತ್ರ ಕಳ್ಳ.

ಭಾನುವಾರದ ಕಳ್ಳರು ಒಟ್ಟು ಐದು ಜನ. ಶಿವಮೊಗ್ಗದಲ್ಲಿ ಮದುವೆ ವಿಡಿಯೋ ತೆಗೆಯುವ ಶಿವರಾಜ್ ಅದೆಷ್ಟೋ ವರ್ಷದಿಂದ ಒಂದು ಸಿನಿಮಾ ಮಾಡಬೇಕೆಂದಿದ್ದ. ಘಟ್ಟದ ರಸ್ತೆಯಲ್ಲಿ ಚಿನ್ನ ಸಾಗಿಸುವ ವ್ಯಾನನ್ನು ಐವರು ಗೆಳೆಯರು ದೋಚುತ್ತಾರೆ. ಇಳಿಯುವ ದಾರಿಯಲ್ಲಿ ಪೊಲೀಸರು ಕಾದಿರುತ್ತಾರೆ, ಹಾಗಾಗಿ ಬೆಟ್ಟ ಹತ್ತುತ್ತಾರೆ. ಅಷ್ಟೇ ಕಥೆ. ಎಲ್ಲರಿಗೂ ವಾರವಿಡೀ ಬೇರೆ ಕೆಲಸ ಇದ್ದುದರಿಂದ ಭಾನುವಾರಗಳಲ್ಲಿ ಮಾತ್ರ ಕುಂದಾದ್ರಿ ಬೆಟ್ಟದಲ್ಲಿ ಶೂಟಿಂಗ್.

ಹೇಮಶ್ರೀ ಭದ್ರಾವತಿಯವಳು. ಜನ್ನಾಪುರದ ರಕ್ತಪರೀಕ್ಷೆಯ ಲ್ಯಾಬಿನಲ್ಲಿ ಸೀಸೆಗಳಿಗೆ ಹೆಸರು ಅಂಟಿಸುವ ಕೆಲಸ. ನಾಲ್ಕು ವರ್ಷದಲ್ಲಿ ಒಂದು ಸೀಸೆಯೂ ಅದಲುಬದಲಾಗಿರಲಿಲ್ಲ. ಅದನ್ನು ಕೇಳಿಯೇ ಶಿವರಾಜ್ ಅವಳನ್ನು ಕಂಟಿನ್ಯುಟಿಗೆ ಕರೆದಿದ್ದ. ಯಾವ ಶಾಟಿನಲ್ಲಿ ಯಾರ ಅಂಗಿಯ ಎಷ್ಟು ಗುಂಡಿ ಹಾಕಿತ್ತು, ಕೂದಲು ಎಷ್ಟಿತ್ತು, ಚೀಲ ಯಾವ ಭುಜದ ಮೇಲಿತ್ತು… ಎಲ್ಲದರ ಫೋಟೋ ತೆಗೆದು ಬರೆದಿಡಬೇಕು. ಮುಂದಿನ ವಾರ ತೆಗೆಯುವುದು ಈ ವಾರದ್ದಕ್ಕೆ ಹೊಂದಬೇಕು.

"ಗಾಯ ಚೆನ್ನಾಗಿ ಕಾಣ್ತಿದೆ," ಎಂದ ಶಿವರಾಜ್ ಕ್ಯಾಮರಾದಲ್ಲಿ ನೋಡಿ. "ಇನ್ಮೇಲೆ ಇರ್ಲಿ. ಹೇಮಾ, ನೋಟ್ ಮಾಡ್ಕೋ."

ಒಂದೇ ವಾರದಲ್ಲಿ ಗಾಯ ಮಾಯಿತು. ಆದರೆ ಸಿನಿಮಾದಲ್ಲಿ ಮಾಯುವಂತಿರಲಿಲ್ಲ.

ಗಾಯದ ಫೋಟೋ ಇದ್ದದ್ದು ಹೇಮಶ್ರೀಯ ಹತ್ತಿರ. ಹಾಗಾಗಿ ಪ್ರತಿ ಭಾನುವಾರ ಬೆಳಿಗ್ಗೆ ಮೇಕಪ್ಪಿನವರ ಬದಲು ಅವಳೇ ಅವನ ಎದುರು ಕೂತು, ಸಣ್ಣ ಬ್ರಷ್ಷಿನಿಂದ ಎಡ ಹುಬ್ಬಿನ ಮೇಲೆ ಗಾಯ ಬರೆಯುತ್ತಿದ್ದಳು. ಅವನು ಕಣ್ಣು ಮುಚ್ಚಿ ಕೂರುತ್ತಿದ್ದ. ಅವನ ಉಸಿರು ಅವಳ ಮುಂಗೈಗೆ ತಾಗುತ್ತಿತ್ತು.

'ಇಷ್ಟು ಹತ್ತಿರದಿಂದ ಯಾರನ್ನೂ ನೋಡಿಲ್ಲ ನಾನು… ಇವನು ಕಣ್ಣು ತೆರೆದರೆ ಏನು ಮಾಡಲಿ?'

"ಆಯ್ತಾ?"

"ಇನ್ನೂ ಇಲ್ಲ."

ಅದು ಯಾವಾಗಲೋ ಆಗಿರುತ್ತಿತ್ತು. ಅವನಿಗೂ ಗೊತ್ತಿತ್ತು.

ಒಮ್ಮೆ ಅವನ ಅಂಗಿಯ ಅಳತೆಗೆಂದು ಶಿವಮೊಗ್ಗದ ಗೋಪಾಳದಲ್ಲಿದ್ದ ಅವನ ಮನೆಗೆ ಹೋಗಿದ್ದಳು. ಅಪ್ಪ ಬಂಗಾರಪ್ಪ ಭದ್ರಾವತಿಯ ಕಾರ್ಖಾನೆಯಲ್ಲಿ ದುಡಿದು ನಿವೃತ್ತರಾದವರು. ಉಬ್ಬಸ ಇತ್ತು. ಕಳ್ಳರ ಸಿನಿಮಾ ಎಂದರೆ ಪ್ರಾಣ.

"ಇವನದ್ದು ಕದಿಯೋ ಮುಖವೇನಮ್ಮ?" ಎಂದು ನಕ್ಕಿದ್ದರು. "ಕದ್ರೆ ಮೊದಲನೇ ತಿರುವಲ್ಲೇ ಸಿಕ್ಕಿಬೀಳ್ತಾನೆ. ಅದ್ಸರಿ, ಕಳ್ಳರು ಬೆಟ್ಟ ಯಾಕೆ ಹತ್ತುತ್ತಾರೆ? ಮೇಲೆ ಹೋದವನು ಕೆಳಗೆ ಬರ್ಲೇಬೇಕಲ್ಲ."

"ಅದು ಅವರಿಗೆ ಮೇಲೆ ಹೋದ್ಮೇಲೆ ಗೊತ್ತಾಗುತ್ತೆ ಅಪ್ಪಾಜಿ," ಎಂದಿದ್ದಳು ಹೇಮಶ್ರೀ.

"ಕೊನೆಗೆ ಸಿಕ್ತಾನಾ ನನ್ನ ಮಗ?"

"ಹೇಳ್ಬಾರ್ದು. ನೀವು ತೆರೆ ಮೇಲೆ ನೋಡ್ಬೇಕು."

"ಸರಿ. ಕಾಯ್ತೀನಿ ಬಿಡು," ಎಂದಿದ್ದರು ಅವರು.

ಬಸ್ಸಿಗೆ ಬಿಡಲು ಬಂದ ಲೋಹಿತ್ ದಾರಿಯಲ್ಲಿ ನಿಂತು ಹೇಳಿದ್ದ: "ಹೇಮಾ, ಕೊನೇ ಶಾಟ್ ಆದ್ಮೇಲೆ ನಿಂಗೊಂದು ಮಾತು ಹೇಳ್ಬೇಕು."

"ಈಗ್ಲೇ ಹೇಳು."

"ಉಹುಂ. ಕಂಟಿನ್ಯುಟಿ ತಪ್ಪುತ್ತೆ."

ಆ ರಾತ್ರಿ ಅವಳಿಗೆ ನಿದ್ದೆ ಬರಲಿಲ್ಲ.

ಆಮೇಲೆ ಬಂದಿತು ಆ ಭಾನುವಾರ.

ಶೂಟಿಂಗಿನಲ್ಲಿ ಒಂದು ನಿಯಮವಿತ್ತು. ಒಂದು ಒಳ್ಳೆಯ ಶಾಟು ಯಾರದೋ ಫೋನು ಬಡಿದುಕೊಂಡು ಹಾಳಾದ ಮೇಲೆ ಶಿವರಾಜ್ ಮಾಡಿದ್ದು. ಬೆಟ್ಟ ಹತ್ತಿದ ಕೂಡಲೇ ಎಲ್ಲರ ಫೋನೂ ಸದ್ದು ನಿಲ್ಲಿಸಿ ಹೇಮಶ್ರೀಯ ಚೀಲಕ್ಕೆ ಬೀಳಬೇಕು.

ಅವತ್ತು ತೆಗೆಯುತ್ತಿದ್ದದ್ದು, ಬೆಟ್ಟದ ನೆತ್ತಿಯಲ್ಲಿ ಗೆಳೆಯ ಗುಂಡೇಟಿನಿಂದ ಸಾಯುವ ದೃಶ್ಯ. ಲೋಹಿತ್ ಅವನನ್ನು ತೊಡೆಯ ಮೇಲೆ ಮಲಗಿಸಿಕೊಂಡು ಅಳಬೇಕು. ಹಿಂದೆ ಸೂರ್ಯ ಇಳಿಯಬೇಕು.

ನಾಲ್ಕು ಗಂಟೆ ದಾಟಿತ್ತು. ಬಸದಿಯ ಮೆಟ್ಟಿಲ ಹತ್ತಿರ ಕೂತಿದ್ದ ಹೇಮಶ್ರೀಯ ಚೀಲ ಅದುರಿತು. ಲೋಹಿತ್‌ನ ಫೋನು. 'ಅಕ್ಕ.' ಆಗಲೇ ಎಂಟು ಮಿಸ್ಡ್ ಕಾಲ್ ಇದ್ದವು.

ಅವಳು ತೆಗೆದಳು.

"ಲೋಹಿ, ಎಲ್ಲಿದೀಯೋ? ಅಪ್ಪಂಗೆ ಉಸಿರೇ ತಗೊಳ್ಳೋಕಾಗ್ತಿಲ್ಲ. ಆಸ್ಪತ್ರೆಗೆ ತಂದಿದೀವಿ. ಮಕ್ಕಳನ್ನೆಲ್ಲ ಕರೆಸ್ಕೊಳ್ಳಿ ಅಂದ್ರು ಡಾಕ್ಟರು…"

"ಅವರು ಶಾಟಲ್ಲಿದ್ದಾರೆ. ಈಗಲೇ ಹೇಳ್ತೀನಿ ಅಕ್ಕ."

ಅವಳು ಓಡಿದಳು. ನಿಜವಾಗಿಯೂ ಓಡಿದಳು. ಕ್ಯಾಮರಾದ ಹಿಂದೆ ನಿಂತು ಶಿವರಾಜ್ ಬೆರಳು ತುಟಿಗಿಟ್ಟ. ಲೋಹಿತ್ ಅಳಲು ತೊಡಗಿದ್ದ. ಆ ಬೆಳಕು ಮತ್ತೆ ಸಿಗುವಂತಿರಲಿಲ್ಲ. ಎಂಟು ತಿಂಗಳಿಂದ ಎಲ್ಲರೂ ಕಾದಿದ್ದು ಆ ಒಂದು ಸಂಜೆಗೆ.

'ಒಂದೇ ಟೇಕ್. ಮುಗಿದ ತಕ್ಷಣ ಹೇಳುತ್ತೇನೆ…'

ಒಂದು ಎರಡಾಯಿತು. ಎರಡು ನಾಲ್ಕಾಯಿತು. ಪ್ರತಿ ಸಲ ಅವನ ಅಂಗಿಯ ಮಡಿಕೆ ಸರಿಪಡಿಸಲು ಅವಳೇ ಹತ್ತಿರ ಹೋದಳು. ಪ್ರತಿ ಸಲ ಬಾಯಿ ತೆರೆದಳು.

'ಈಗ ಹೇಳಿದರೆ, ಆಗಲೇ ಯಾಕೆ ಹೇಳಲಿಲ್ಲ ಅನ್ನುತ್ತಾನೆ.'

ಹೊತ್ತು ಹೆಚ್ಚಾದಷ್ಟೂ ಮಾತು ಭಾರವಾಯಿತು. ಎದುರಿಗೆ ಅವನು ಸುಳ್ಳು ಸಾವಿಗೆ ಅಳುತ್ತಿದ್ದ. ನಿಜವಾದ ಅಳು ಅವಳ ಚೀಲದಲ್ಲಿ ಅದುರುತ್ತಿತ್ತು.

ಬೆಳಕು ಪೂರ್ತಿ ಹೋದ ಮೇಲೆ ಅವಳು ಅವನಿಗೆ ಫೋನು ಕೊಟ್ಟು ಹೇಳಿದಳು: "ಈಗ… ಈಗ ಫೋನ್ ಬಂತು."

ಎರಡು ಗಂಟೆ ಕಳೆದಿತ್ತು.

ಶಿವರಾಜನ ಕಾರಿನಲ್ಲಿ ಹೊರಟರು. ತೀರ್ಥಹಳ್ಳಿ, ಮಂಡಗದ್ದೆ ದಾಟಿದವು. ಹಿಂದಿನ ಸೀಟಿನಲ್ಲಿ ಅವನು ಅವಳ ಕೈ ಹಿಡಿದುಕೊಂಡಿದ್ದ. ಮೊದಲ ಸಲ. ಅವಳು ಎಷ್ಟೋ ದಿನದಿಂದ ಬಯಸಿದ್ದ ಕೈ. ಅದರ ಬಿಸಿ ತಾಳಲಾಗದೆ ಅವಳು ಕಿಟಕಿಯ ಕಡೆ ತಿರುಗಿದಳು.

ಗಾಜನೂರು ದಾಟುವಾಗ ಫೋನು ಬಂತು. ಅವನು ಸುಮ್ಮನೆ ಕೇಳಿಸಿಕೊಂಡ. ಆಮೇಲೆ ಅವಳ ಕೈ ಬಿಟ್ಟ.

"ನಿಧಾನ ಹೋಗು ಶಿವರಾಜಣ್ಣ," ಎಂದ. "ಇನ್ನು ಅವಸರ ಇಲ್ಲ."

ಆಸ್ಪತ್ರೆ ಅಲ್ಲಿಂದ ಬರೀ ಇಪ್ಪತ್ತು ನಿಮಿಷದ ದಾರಿ.

ಒಬ್ಬನೇ ಮಗ. ತಲೆ ಬೋಳಿಸಿಕೊಂಡು ಕರ್ಮ ಮಾಡಿದ. ಸಿನಿಮಾದ ಕೊನೇ ಶಾಟು ಒಂದು ಬಾಕಿ ಇತ್ತು. ಎಲ್ಲ ಮುಗಿದು ಒಬ್ಬನೇ ಉಳಿದ ಕಳ್ಳ, ಬಂಡೆಯ ಮೇಲೆ ಕೂತು ಪೊಲೀಸರಿಗಾಗಿ ಕಾಯುವುದು. ಕೂದಲಿನ ವಿಷಯ ಎತ್ತಲು ಶಿವರಾಜನಿಗೂ ಬಾಯಿ ಬರಲಿಲ್ಲ. "ಬೆಳೀಲಿ. ಕಾಯೋಣ," ಎಂದ.

ಲೋಹಿತ್ ಫೋನ್ ಮಾಡಲಿಲ್ಲ. ಅವಳು ಕಳಿಸಿದ ಮೆಸೇಜುಗಳನ್ನು ಓದುತ್ತಿದ್ದ. ಉತ್ತರ ಮಾತ್ರ ಇಲ್ಲ.

'ದುಃಖದಲ್ಲಿದ್ದಾನೆ,' ಎಂದುಕೊಂಡಳು ಹೇಮಶ್ರೀ. ಲ್ಯಾಬಿನಲ್ಲಿ ಒಂದೇ ಸೀಸೆಯ ಹೆಸರನ್ನು ಮೂರು ಮೂರು ಸಲ ಓದಿ ನೋಡುತ್ತಿದ್ದಳು. ಹೇಳಿಬಿಟ್ಟರೆ ಅವನು ಹೋಗುತ್ತಾನೆ. ಹೇಳದಿದ್ದರೆ… ಅವನು ಉಳಿದರೂ ಅವಳಿಗೆ ದಕ್ಕುವುದಿಲ್ಲ.

ನಾಲ್ಕು ತಿಂಗಳಾದ ಮೇಲೆ ಶಿವರಾಜ್ ಕರೆದ. "ಹಳೇ ಫೋಟೋ ತಗೊಂಡು ಅವನ ಮನೆಗೆ ಹೋಗಿ ಬಾ. ಕೂದ್ಲು ಹೊಂದುತ್ತಾ ನೋಡು. ನಂಗೆ ಆ ಮನೆ ಮೆಟ್ಟಿಲು ಹತ್ತೋಕೆ ಧೈರ್ಯ ಇಲ್ಲ ಮಾರಾಯ್ತಿ."

ಅವಳಿಗಿತ್ತೇ?

ಬಾಗಿಲು ತೆರೆದವಳು ಅಕ್ಕ ರಶ್ಮಿ. ಒಳಗೆ ಕೂರಿಸಿ ನೀರು ಕೊಟ್ಟಳು. ಲೋಹಿತ್ ಬಂದು ಎದುರಿನ ಕುರ್ಚಿಯಲ್ಲಿ ಕೂತ. ಇಳಿದುಹೋಗಿದ್ದ. ಗೋಡೆಯ ಮೇಲೆ ಬಂಗಾರಪ್ಪನವರು ಹಾರದೊಳಗಿಂದ ನಗುತ್ತಿದ್ದರು. ಕೊನೆ ಏನೆಂದು ಇನ್ನೂ ಕೇಳುತ್ತಿರುವಂತೆ.

"ಕೂದಲು… ಹೊಂದುತ್ತೆ," ಎಂದಳು ಹೇಮಶ್ರೀ ಫೋಟೋ ನೋಡುತ್ತಾ. ಚಿತ್ರವೆಲ್ಲ ಮಸುಕಾಗುತ್ತಿತ್ತು.

ರಶ್ಮಿ ಅವಳನ್ನೇ ನೋಡುತ್ತಿದ್ದಳು. "ನಿಮ್ಮ ದನಿ ಎಲ್ಲೋ ಕೇಳಿದೀನಲ್ಲ?"

ಹೇಮಶ್ರೀ ಇಲ್ಲ ಎನ್ನಬಹುದಿತ್ತು. ಎದ್ದು ಹೋಗಬಹುದಿತ್ತು.

"ಫೋನಲ್ಲಿ ಅಕ್ಕ," ಎಂದಳು. "ಅವತ್ತು ತೆಗ್ದಿದ್ದು ನಾನೇ. ಈಗಲೇ ಹೇಳ್ತೀನಿ ಅಂದಿದ್ದೆ… ಹೇಳ್ಲಿಲ್ಲ. ಎರಡು ಗಂಟೆ ಹೇಳ್ಲಿಲ್ಲ."

ರಶ್ಮಿ ಖಾಲಿ ಲೋಟ ತೆಗೆದುಕೊಂಡು ಒಳಗೆ ಹೋದಳು. ಒಳಗೆ ನಲ್ಲಿ ಬಿಟ್ಟ ಸದ್ದು ಬಹಳ ಹೊತ್ತು ಕೇಳುತ್ತಿತ್ತು.

"ಯಾರೂ ಬೇಡ ಅಂದಿರ್ಲಿಲ್ಲ ಲೋಹಿತ್. ಶಿವರಾಜಣ್ಣಂಗೆ ವಿಷಯನೇ ಗೊತ್ತಿರ್ಲಿಲ್ಲ. ಮೊದಲು ಶಾಟ್ ಹಾಳಾಗುತ್ತೆ ಅಂತ ಸುಮ್ನಾದೆ. ಆಮೇಲೆ ನೀನು ಬೈತೀಯ ಅಂತ. ಅಷ್ಟೇ. ಬೇರೆ ಕಾರಣ ಹುಡುಕಿದೆ, ಸಿಗ್ಲಿಲ್ಲ." ಅವಳು ಫೋಟೋಗಳನ್ನು ಮಗುಚಿಟ್ಟಳು. "ಆ ಬೆಟ್ಟದಲ್ಲಿ ನೀವೆಲ್ಲ ಕಳ್ಳರ ವೇಷ ಹಾಕಿದ್ರಿ. ನಿಜವಾಗಿ ಕದ್ದಿದ್ದು ನಾನೊಬ್ಬಳೇ."

ಅವನು ನೆಲ ನೋಡುತ್ತಿದ್ದ.

"ನಂಗೆ ಗೊತ್ತಿತ್ತು," ಎಂದ ಕೊನೆಗೆ.

"…ಏನು?"

"ಯಾವುದೋ ಹುಡುಗಿ ಫೋನ್ ತೆಗೆದ್ಲು ಅಂತ ಅವತ್ತೇ ಅಕ್ಕ ಹೇಳಿದ್ಲು. ಫೋನೆಲ್ಲ ಯಾರ ಹತ್ರ ಇರುತ್ತೆ ಅಂತ ನಂಗೊತ್ತಿಲ್ವಾ?"

"ಮತ್ತೆ ಯಾಕೆ ಕೇಳ್ಲಿಲ್ಲ?"

"ನೀನಾಗೇ ಹೇಳ್ತೀಯ ಅಂತ ಕಾದೆ. ಪ್ರತಿ ಮೆಸೇಜೂ ಓದ್ದೆ. ಊಟ ಮಾಡಿದ್ಯಾ, ಹೇಗಿದೀಯಾ… ಅದೊಂದು ಮಾತ್ರ ಇರ್ಲಿಲ್ಲ." ಅವನು ಗೋಡೆಯ ಫೋಟೋ ಕಡೆ ತಿರುಗಿದ. "ಅಪ್ಪ ಬಾಗಿಲ ಕಡೆನೇ ನೋಡ್ತಿದ್ರಂತೆ ಹೇಮಾ. ಅದನ್ನ ಹೇಗೆ ಮರೀಲಿ?"

ಅವಳು ಫೋಟೋಗಳನ್ನು ಚೀಲಕ್ಕೆ ತುಂಬಿಕೊಂಡು ಎದ್ದಳು. ಬಾಗಿಲು ದಾಟಿದ ಮೇಲೆ ಹಿಂದಿನಿಂದ ಮಾತು ಬಂತು.

"ಭಾನುವಾರ ನೀನೂ ಬಾ. ಗಾಯ ಬೇರೆಯವರು ಬರೆದ್ರೆ ಹೊಂದಲ್ಲ."

ಭಾನುವಾರ ಕುಂದಾದ್ರಿಯ ಮೇಲೆ ಗಾಳಿ ಜೋರಾಗಿತ್ತು. ಅದೇ ಬಂಡೆ. ಅವನು ಕೂತ. ಈ ಸಲ ಕಣ್ಣು ಮುಚ್ಚಲಿಲ್ಲ.

ಅವಳು ಬ್ರಷ್ ಎತ್ತಿದಳು. 

"ಎಲ್ಲಿತ್ತು ಅಂತ ಫೋಟೋ ನೋಡಲ್ವಾ?"

"ಬೇಡ. ಎಡ ಹುಬ್ಬಿನ ತುದಿಯಿಂದ ಅಕ್ಕಿಕಾಳಷ್ಟು ಒಳಗೆ. ಕೆಳಗೆ ಸ್ವಲ್ಪ ಬಾಗುತ್ತೆ."

ಅವಳ ಕಣ್ಣೀರು ಬಣ್ಣಕ್ಕೆ ಬಿತ್ತು. ಬಣ್ಣ ತೆಳುವಾಯಿತು. ಅವಳು ಮತ್ತೆ ಕಲಸಿ ಮತ್ತೆ ಬರೆದಳು. ಅವನು ಅಲುಗಾಡದೆ ಕೂತಿದ್ದ.

"ಹೇಮಾ."

"ಹ್ಞಾಂ."

"ಕ್ಷಮಿಸೋಕೆ ನನ್ನಿಂದ ಇನ್ನೂ ಆಗಿಲ್ಲ. ಸುಳ್ಳು ಹೇಳಲ್ಲ."

"ಗೊತ್ತು."

"ಆದ್ರೆ ಕೊನೇ ಶಾಟ್ ಆದ್ಮೇಲೆ ಹೇಳ್ತೀನಿ ಅಂದಿದ್ದ ಮಾತು… ಅದೂ ಹೋಗಿಲ್ಲ. ಎಷ್ಟು ಓಡಿಸಿದ್ರೂ ಹೋಗ್ತಿಲ್ಲ. ನೀನಿಲ್ದೆ ನಂಗೆ ಆಗಲ್ಲ ಅನ್ನೋದು ಆ ಮಾತು."

ಅವಳು ಬ್ರಷ್ ಕೆಳಗಿಟ್ಟಳು. 

"ರೆಡಿನಾ?" ಎಂದು ಶಿವರಾಜ್ ದೂರದಿಂದ ಕೂಗಿದ.

ಅವತ್ತು ಹೇಮಶ್ರೀ ಯಾರ ಫೋನನ್ನೂ ಕೇಳಿರಲಿಲ್ಲ. ಚೀಲ ಖಾಲಿ ಇತ್ತು. ಲೋಹಿತ್ ಎದ್ದು ನಿಂತು ಜೇಬಿಗೆ ಕೈ ಹಾಕಿದ. ಫೋನು ತೆಗೆದು ಒಂದು ಗಳಿಗೆ ಅದನ್ನೇ ನೋಡಿದ. ಆಮೇಲೆ ಅವಳ ಅಂಗೈ ಬಿಡಿಸಿ ಅದರಲ್ಲಿಟ್ಟ.

"ಅಕ್ಕ ಫೋನ್ ಮಾಡಬಹುದು."

"ತೆಗೀತೀನಿ."

"ತೆಗ್ದು?"

"ನಿನ್ನ ಹತ್ರ ಓಡಿ ಬರ್ತೀನಿ. ಕ್ಯಾಮರಾ ಮುಂದೇನೇ."

"ಶಾಟ್ ಹಾಳಾಗುತ್ತೆ ಮಾರಾಯ್ತಿ."

"ಆಗ್ಲಿ."